ಪೋರ್ಚುಗಲ್ ಇಷ್ಟು ಚಿಕ್ಕ ದೇಶ, ಅಲ್ಲಿನ ಜನ ಎಲ್ಲಾ ಕಡೆ ಸಿಗೋದು ಹೇಗೆ?

ಪ್ರಶ್ನೆ: ಪ್ಯಾರಿಸ್‌ನಲ್ಲಿ ಅಪಾರ್ಟ್‌ಮೆಂಟ್ ನೋಡಿಕೊಳ್ಳುವವರು ಪೋರ್ಚುಗೀಸರು. ಟೊರೊಂಟೊದಲ್ಲಿ ಕಟ್ಟಡ ಕೆಲಸದವರು ಪೋರ್ಚುಗೀಸರು. ವೆನೆಜುವೆಲಾದ ಬೇಕರಿಗಳಲ್ಲಿ, ಕ್ಯಾಲಿಫೋರ್ನಿಯಾದ ಡೇರಿಗಳಲ್ಲೂ ಅವರೇ. ನಮ್ಮ ಮಂಗಳೂರಿನಲ್ಲಿ ನೋಡಿದರೆ ಡಿಸೋಜ, ಪಿಂಟೊ, ಲೋಬೊ ಅನ್ನುವ ಹೆಸರುಗಳು. ಇವರೆಲ್ಲಾ ವಾಸ್ಕೊ ಡ ಗಾಮನ ಕಾಲದಲ್ಲಿ ಹಡಗು ಹತ್ತಿ ಹೋದವರ ಮಕ್ಕಳೇನು?

ಉತ್ತರ: ಅಲ್ಲ. ಈ ಪ್ರಶ್ನೆ ತುಂಬಾ ಜನ ಕೇಳುತ್ತಾರೆ. ಕೇಳುವವರ ಮನಸ್ಸಿನಲ್ಲಿ ಬಹುತೇಕ ಒಂದೇ ಚಿತ್ರ ಇರುತ್ತದೆ: ಹಡಗು, ಫಿರಂಗಿ, ಶಿಲುಬೆ. ನಮ್ಮ ಪಠ್ಯಪುಸ್ತಕಗಳು ಕಲಿಸಿದ್ದೂ ಅಷ್ಟೇ. ಆದರೆ ಇವತ್ತು ಪ್ಯಾರಿಸ್‌ನಲ್ಲೋ ಟೊರೊಂಟೊದಲ್ಲೋ ನಿಮಗೆ ಸಿಗುವ ಪೋರ್ಚುಗೀಸರ ಕಥೆ ಬೇರೆ. ಅವರ ಅಜ್ಜ ಅಜ್ಜಿಯರು ದೇಶ ಗೆಲ್ಲಲು ಹೊರಟವರಲ್ಲ. ಊರಲ್ಲಿ ಹೊಟ್ಟೆಗೆ ಸಾಲದೆ ಹೊರಟವರು. ಈ ಎರಡು ಕಥೆಗಳನ್ನು ಬೇರೆ ಬೇರೆಯಾಗಿ ನೋಡಿದರೆ ಮಾತ್ರ ಉತ್ತರ ಸಿಗುತ್ತದೆ.

ಮೊದಲು ಗಾತ್ರ ನೋಡೋಣ. ಪೋರ್ಚುಗಲ್‌ನ ವಿಸ್ತೀರ್ಣ ಸುಮಾರು 92,000 ಚದರ ಕಿಲೋಮೀಟರ್. ಕರ್ನಾಟಕದ ಅರ್ಧಕ್ಕಿಂತ ಕಡಿಮೆ. 2021ರ ಜನಗಣತಿಯಲ್ಲಿ ಸಿಕ್ಕಿದ್ದು ಸುಮಾರು 1.03 ಕೋಟಿ ಜನ. ಆ ದೇಶದಲ್ಲಿ ಹುಟ್ಟಿ ಈಗ ಹೊರಗೆ ಬದುಕುತ್ತಿರುವವರು ಸುಮಾರು 20 ಲಕ್ಷ. ಹೊರಗೇ ಹುಟ್ಟಿದ ಮಕ್ಕಳು, ಮೊಮ್ಮಕ್ಕಳು ಈ ಲೆಕ್ಕದಲ್ಲಿ ಇಲ್ಲ. ಯುರೋಪಿನಲ್ಲಿ ಇಷ್ಟು ದೊಡ್ಡ ಪಾಲು ಜನ ಹೊರಗಿರುವ ದೇಶಗಳು ಕಡಿಮೆ.

ರಾಜ್ಯವಾಗಿ ಪೋರ್ಚುಗಲ್ ಹಳೆಯದು. 1143ರಲ್ಲಿ ಅಫೊನ್ಸೊ ಹೆನ್ರಿಕೆಸ್‌ನನ್ನು ಪಕ್ಕದ ಲಿಯೋನ್ ರಾಜ್ಯದ ದೊರೆ ರಾಜನೆಂದು ಒಪ್ಪಿಕೊಂಡ. 1249ರ ಹೊತ್ತಿಗೆ ದಕ್ಷಿಣದ ಆಲ್ಗಾರ್ವ್ ಕೂಡ ಸೇರಿತು. 1297ರಲ್ಲಿ ನಿಗದಿಯಾದ ಗಡಿ ಬಹುಮಟ್ಟಿಗೆ ಇವತ್ತೂ ಹಾಗೇ ಇದೆ. ಮೂರು ಕಡೆ ದೊಡ್ಡ ನೆರೆದೇಶಗಳು, ಇನ್ನೊಂದು ಕಡೆ ಸಮುದ್ರ ಅಂತ ಅಂದುಕೊಳ್ಳಬೇಡಿ. ನೆಲದ ಮೇಲೆ ಇರುವ ನೆರೆದೇಶ ಸ್ಪೇನ್ ಒಂದೇ. ಉಳಿದಿದ್ದೆಲ್ಲಾ ಅಟ್ಲಾಂಟಿಕ್. ಬೆಳೆಯಬೇಕಾದರೆ ನೀರಿನ ಕಡೆಗೇ ಬೆಳೆಯಬೇಕಿತ್ತು.

ಹಾಗೇ ಆಯಿತು. 1415ರಲ್ಲಿ ಆಫ್ರಿಕಾದ ಸೆಯುಟಾ ಹಿಡಿದರು. 1420ರ ಸುಮಾರಿಗೆ ಮಡೇರಾ ದ್ವೀಪದಲ್ಲಿ, ಅದಾದ ಮೇಲೆ ಅಜೋರ್ಸ್ ದ್ವೀಪಗಳಲ್ಲಿ ಜನ ನೆಲೆಸಿದರು. 1498ರಲ್ಲಿ ಗಾಮ ಕಲ್ಲಿಕೋಟೆಗೆ ಬಂದ. 1500ರಲ್ಲಿ ಬ್ರೆಜಿಲ್ ತೀರ, 1510ರಲ್ಲಿ ಗೋವಾ, 1511ರಲ್ಲಿ ಈಗಿನ ಮಲೇಷ್ಯಾದ ಮಲಾಕ್ಕಾ, 1557ರಲ್ಲಿ ಚೀನಾದ ಮಕಾವ್. ಗೋವಾ ಹಿಡಿಯುವಂತೆ ಪೋರ್ಚುಗೀಸ್ ಗವರ್ನರ್ ಅಲ್ಬುಕರ್ಕ್‌ನನ್ನು ಒತ್ತಾಯಿಸಿದವನು ನಮ್ಮ ಹೊನ್ನಾವರದ ಕಡೆಯ ತಿಮ್ಮೋಜ. ವಿಜಯನಗರಕ್ಕೆ ಕುದುರೆ ಮಾರಲು ಬಂದವರಲ್ಲೂ ಪೋರ್ಚುಗೀಸರಿದ್ದರು. ಉಳ್ಳಾಲದ ರಾಣಿ ಅಬ್ಬಕ್ಕ ಇದೇ ಪೋರ್ಚುಗೀಸರ ವಿರುದ್ಧ ನಿಂತದ್ದು. ಇದೆಲ್ಲಾ ನಮಗೆ ಗೊತ್ತಿರುವ ಭಾಗ.

ಇಲ್ಲಿ ಗಮನಿಸಬೇಕಾದ್ದು ಜನರ ಸಂಖ್ಯೆ. ಆಗ ಇಡೀ ಪೋರ್ಚುಗಲ್‌ನಲ್ಲಿ ಇದ್ದವರೇ ಹತ್ತು–ಹದಿನೈದು ಲಕ್ಷ. ಬ್ರೆಜಿಲ್‌ನಿಂದ ಮಕಾವ್‌ವರೆಗೆ ತುಂಬಿಸಲು ಅವರ ಬಳಿ ಜನವೇ ಇರಲಿಲ್ಲ. ಏಷ್ಯಾಕ್ಕೆ ಬಂದವರಲ್ಲಿ ಹೆಂಗಸರು ತೀರಾ ಕಡಿಮೆ. ಹಾಗಾಗಿ ಗೋವಾದಲ್ಲಿ ಅಲ್ಬುಕರ್ಕ್ ತನ್ನ ಸಿಪಾಯಿಗಳಿಗೆ ಸ್ಥಳೀಯ ಹೆಂಗಸರನ್ನೇ ಮದುವೆಯಾಗಲು ಹೇಳಿದ. ಮಲಾಕ್ಕಾದ ಕ್ರಿಸ್ತಾಂಗ್ ಸಮುದಾಯ, ಮಕಾವ್‌ನ ಮಿಶ್ರ ಮನೆತನಗಳು ಇಂಥ ಮದುವೆಗಳಿಂದ ಬೆಳೆದವು.

ಮಂಗಳೂರಿನ ಡಿಸೋಜ, ಪಿಂಟೊಗಳ ವಿಷಯ ಇದಕ್ಕಿಂತ ಬೇರೆ. ಅವರಲ್ಲಿ ಹೆಚ್ಚಿನವರ ಹಿರಿಯರು ಗೋವಾದ ಕೊಂಕಣಿ ಜನರು. ಮತಾಂತರದ ಹೊತ್ತಿನಲ್ಲಿ ಪಾದ್ರಿಯ ಅಥವಾ ಜ್ಞಾನಸ್ನಾನಕ್ಕೆ ನಿಂತ ಪೋರ್ಚುಗೀಸನ ಮನೆಹೆಸರು ಅವರಿಗೆ ಬಂತು. ಆಮೇಲೆ ಯುದ್ಧ, ಕ್ಷಾಮ, ತೆರಿಗೆ, ಗೋವಾದ ಮತವಿಚಾರಣೆಯ (ಇನ್‌ಕ್ವಿಸಿಷನ್ ಎಂಬ ಚರ್ಚ್ ನ್ಯಾಯಾಲಯದ) ಕಾಟ, ಹೀಗೆ ಬೇರೆ ಬೇರೆ ಕಾರಣಕ್ಕೆ ಕೆನರಾಕ್ಕೆ ಬಂದರು. ಶ್ರೀಲಂಕಾದ ಪೆರೇರ, ಫರ್ನಾಂಡೊಗಳ ಕಥೆಯೂ ಬಹುಮಟ್ಟಿಗೆ ಹೀಗೇ. ಹೆಸರು ಸಾಗಿದಷ್ಟು ದೂರ ರಕ್ತ ಸಾಗಿಲ್ಲ.

ಅದೇ ಕಾಲದ ಇನ್ನೊಂದು ವಲಸೆ ಇದೆ, ಅದನ್ನು ವಲಸೆ ಅನ್ನಲೂ ಬಾರದು. ಪೋರ್ಚುಗೀಸ್ ಮತ್ತು ಬ್ರೆಜಿಲ್ ಬಾವುಟದ ಹಡಗುಗಳು ಆಫ್ರಿಕಾದಿಂದ ಸುಮಾರು 58 ಲಕ್ಷ ಜನರನ್ನು ಗುಲಾಮರನ್ನಾಗಿ ಹೊತ್ತೊಯ್ದವು. ಅಟ್ಲಾಂಟಿಕ್ ಗುಲಾಮರ ವ್ಯಾಪಾರದಲ್ಲಿ ಇಷ್ಟು ದೊಡ್ಡ ಪಾಲು ಬೇರೆ ಯಾವ ದೇಶದ್ದೂ ಇಲ್ಲ. ಬ್ರೆಜಿಲ್‌ನ 20 ಕೋಟಿ ಜನ ಇವತ್ತು ಪೋರ್ಚುಗೀಸ್ ಮಾತಾಡುತ್ತಾರೆ ಅಂತ ಹೆಮ್ಮೆಯಿಂದ ಹೇಳುವಾಗ, ಆ ಮಾತು ಅಲ್ಲಿ ಬೇರೂರಿದ್ದು ಯಾರ ದುಡಿಮೆಯ ಮೇಲೆ ಅನ್ನುವುದನ್ನೂ ಹೇಳಬೇಕು. ಓಡಿಸಲ್ಪಟ್ಟವರೂ ಇದ್ದಾರೆ. 1497ರಲ್ಲಿ ಪೋರ್ಚುಗಲ್‌ನ ಯಹೂದಿಗಳನ್ನು ಬಲವಂತವಾಗಿ ಮತಾಂತರ ಮಾಡಿದರು. 1536ರಲ್ಲಿ ಮತವಿಚಾರಣೆ ಶುರುವಾಯಿತು. ತಪ್ಪಿಸಿಕೊಂಡವರಲ್ಲಿ ಎಷ್ಟೋ ಜನ ಆಮ್‌ಸ್ಟರ್‌ಡ್ಯಾಮ್ ಸೇರಿದರು. ತತ್ವಜ್ಞಾನಿ ಸ್ಪಿನೋಜಾ ಅಂಥ ಮನೆಯಲ್ಲೇ ಹುಟ್ಟಿದ್ದು.

ಈಗ ಎರಡನೇ ಕಥೆಗೆ ಬರೋಣ. ನಿಮ್ಮ ಪ್ರಶ್ನೆಗೆ ನಿಜವಾದ ಉತ್ತರ ಇಲ್ಲಿದೆ.

ಉತ್ತರ ಪೋರ್ಚುಗಲ್‌ನ ಮಿನ್ಯೊ ಪ್ರಾಂತ್ಯ ಹಸಿರು ನಾಡು. ಮಳೆ ಜಾಸ್ತಿ, ಜನವೂ ಜಾಸ್ತಿ. ಹೊಲ ಮಾತ್ರ ತುಂಡು ತುಂಡು. ನಾಲ್ಕು ಮಕ್ಕಳಿಗೆ ಹಂಚಿದರೆ ಯಾರಿಗೂ ಸಾಲದು. ಬ್ರೆಜಿಲ್‌ನ ಮಿನಾಸ್ ಜೆರೈಸ್‌ನಲ್ಲಿ 1690ರ ದಶಕದಲ್ಲಿ ಚಿನ್ನ ಸಿಕ್ಕಿದಾಗ ಇಲ್ಲಿಂದ ಎಷ್ಟು ಜನ ಹೊರಟರೆಂದರೆ, 1720ರಲ್ಲಿ ರಾಜನೇ ಕಾನೂನು ಮಾಡಿ ತಡೆಯಬೇಕಾಯಿತು. ತಡೆದರೂ ನಿಲ್ಲಲಿಲ್ಲ. 1822ರಲ್ಲಿ ಬ್ರೆಜಿಲ್ ಸ್ವತಂತ್ರವಾಯಿತು. ವಲಸೆ ಕಡಿಮೆಯಾಗುವ ಬದಲು ಇನ್ನೂ ಏರಿತು. 19ನೇ ಶತಮಾನದ ಮಧ್ಯದಿಂದ 1930ರವರೆಗೆ ಹತ್ತು ಲಕ್ಷಕ್ಕೂ ಹೆಚ್ಚು ಜನ ಅಲ್ಲಿಗೆ ಹೋದರು. ಹದಿಮೂರು ಹದಿನಾಲ್ಕು ವಯಸ್ಸಿನ ಹುಡುಗರು ರಿಯೊದ ಅಂಗಡಿಗಳಲ್ಲಿ ಕೆಲಸಕ್ಕೆ ಸೇರುತ್ತಿದ್ದರು. ದುಡ್ಡು ಮಾಡಿ ಮರಳಿದ ಕೆಲವರು ಊರಲ್ಲಿ ದೊಡ್ಡ ಮನೆ ಕಟ್ಟಿಸಿ, ಅಂಗಳದಲ್ಲಿ ತಾಳೆ ಜಾತಿಯ ಮರ ನೆಡುತ್ತಿದ್ದರು. ಊರವರು ಅವರನ್ನು 'ಬ್ರೆಜಿಲ್‌ನವರು' ಅಂತಲೇ ಕರೆಯುತ್ತಿದ್ದರು. ಆ ಮನೆಗಳು ಮಿನ್ಯೊದಲ್ಲಿ ಈಗಲೂ ಇವೆ. ಮರಳದೆ ಅಲ್ಲೇ ಬಡವರಾಗಿ ಸತ್ತವರ ಲೆಕ್ಕ ಯಾರೂ ಇಟ್ಟಿಲ್ಲ.

ದ್ವೀಪಗಳ ಕಥೆ ಇನ್ನೂ ಕಠಿಣ. ಅಜೋರ್ಸ್ ಅಂದರೆ ನಡು ಅಟ್ಲಾಂಟಿಕ್‌ನ ಒಂಬತ್ತು ಜ್ವಾಲಾಮುಖಿ ದ್ವೀಪಗಳು. ತಿಮಿಂಗಿಲ ಬೇಟೆಗೆ ಹೊರಟ ಅಮೆರಿಕದ ಹಡಗುಗಳು ಅಲ್ಲಿನ ಫಯಾಲ್ ದ್ವೀಪದಲ್ಲಿ ನಿಂತು ಆಳುಗಳನ್ನು ಹತ್ತಿಸಿಕೊಳ್ಳುತ್ತಿದ್ದವು. ಸೈನ್ಯದ ಕಡ್ಡಾಯ ಸೇವೆ ತಪ್ಪಿಸಿಕೊಳ್ಳಲು ಹುಡುಗರು ಕದ್ದು ಹತ್ತುತ್ತಿದ್ದರು. ಹೀಗೆ ಮ್ಯಾಸಚೂಸೆಟ್ಸ್‌ನ ನ್ಯೂ ಬೆಡ್‌ಫರ್ಡ್, ಫಾಲ್ ರಿವರ್ ಊರುಗಳು ಅರ್ಧ ಪೋರ್ಚುಗೀಸ್ ಊರುಗಳಾದವು. ಕೆಲವರು ಕ್ಯಾಲಿಫೋರ್ನಿಯಾಕ್ಕೆ ಹೋಗಿ ದನ ಕಟ್ಟಿದರು. ಸ್ಯಾನ್ ವಾಕೀನ್ ಕಣಿವೆಯ ಡೇರಿಗಳು ಬೆಳೆದದ್ದರಲ್ಲಿ ಅಜೋರ್ಸ್‌ನವರ ಪಾಲು ದೊಡ್ಡದು. 1957ರಲ್ಲಿ ಫಯಾಲ್‌ನ ಕಪೆಲಿನ್ಯೊಸ್‌ನಲ್ಲಿ ಜ್ವಾಲಾಮುಖಿ ಸಿಡಿಯಿತು. ಒಂದು ವರ್ಷಕ್ಕೂ ಹೆಚ್ಚು ಕಾಲ ಬೂದಿ ಸುರಿಯಿತು. ಹೊಲ, ಮನೆ ಮುಚ್ಚಿಹೋದವು. 1958ರಲ್ಲಿ ಅಮೆರಿಕ ಅವರಿಗೆಂದೇ ವಿಶೇಷ ಕಾಯ್ದೆ ಮಾಡಿತು. ಅದನ್ನು ಮುಂದೆ ತಂದವರಲ್ಲಿ ಆಗ ಸೆನೆಟರ್ ಆಗಿದ್ದ ಜಾನ್ ಎಫ್. ಕೆನಡಿ ಒಬ್ಬರು.

ಈ ಅಜೋರ್ಸ್ ಜನ ಎಲ್ಲಿಗೆ ಹೋದರೂ ಪವಿತ್ರಾತ್ಮನ ಹಬ್ಬವನ್ನು ಬಿಡಲಿಲ್ಲ. ಬೆಳ್ಳಿಯ ಕಿರೀಟವನ್ನು ಮೆರವಣಿಗೆಯಲ್ಲಿ ತರುತ್ತಾರೆ. ಊರಿನ ಸಾಮಾನ್ಯ ಮನೆಯ ಮಗುವಿನ ಅಥವಾ ಹುಡುಗಿಯ ತಲೆಗೆ ಇಡುತ್ತಾರೆ. ಆಮೇಲೆ ಬಂದವರಿಗೆಲ್ಲಾ ಮಾಂಸದ ಸಾರು, ಬ್ರೆಡ್ಡು. ದುಡ್ಡು ಕೇಳುವುದಿಲ್ಲ, ಯಾರು ಅಂತಲೂ ಕೇಳುವುದಿಲ್ಲ. ಬಡವರಿಗೆ ಊಟ ಹಾಕುತ್ತಿದ್ದ 14ನೇ ಶತಮಾನದ ರಾಣಿ ಇಸಬೆಲ್‌ಳ ನೆನಪು ಇದರ ಹಿಂದಿದೆ. ಹಸಿವಿನಿಂದ ಊರು ಬಿಟ್ಟವರು ಹೊಸ ಊರಲ್ಲಿ ಕಾಪಾಡಿಕೊಂಡ ಹಬ್ಬ ಅನ್ನದಾನದ ಹಬ್ಬ. ಪೋರ್ಚುಗೀಸ್ ಸಂಸ್ಕೃತಿ ಅಂದರೆ ಎಲ್ಲರೂ ಲಿಸ್ಬನ್ನಿನ ಫಾಡೊ ಹಾಡನ್ನೇ ಹೇಳುತ್ತಾರೆ. ಫಾಡೊ ನನಗೂ ಇಷ್ಟ. ಆದರೆ ಈ ಜನರನ್ನು ಅರ್ಥ ಮಾಡಿಕೊಳ್ಳಲು ನಾನು ಮೊದಲು ತೋರಿಸುವುದು ಈ ಸಾರಿನ ಪಂಕ್ತಿಯನ್ನು.

ಮಡೇರಾದವರು ಇನ್ನೂ ದೂರ ಹೋದರು. 1835ರಲ್ಲಿ ಅಲ್ಲಿನ ಕೂಲಿಗಳು ದಕ್ಷಿಣ ಅಮೆರಿಕದ ಗಯಾನಾದ ಕಬ್ಬಿನ ತೋಟಗಳಿಗೆ ಬಂದರು. ಗುಲಾಮಗಿರಿ ಮುಗಿದಿತ್ತು, ಮಾಲೀಕರಿಗೆ ಅಗ್ಗದ ಆಳು ಬೇಕಿತ್ತು. ಮೂರು ವರ್ಷದ ನಂತರ, 1838ರಲ್ಲಿ, ಅದೇ ತೋಟಗಳಿಗೆ ಭಾರತದ ಗಿರ್ಮಿಟ್ ಕೂಲಿಗಳು ಬಂದಿಳಿದರು. ಗೋವಾದಲ್ಲಿ ಆಳುವವರಾಗಿದ್ದ ಅದೇ ಪೋರ್ಚುಗೀಸರು ಗಯಾನಾದಲ್ಲಿ ನಮ್ಮವರ ಹಾಗೇ ಕರಾರಿನ ಕೂಲಿಗಳು. 1840ರ ದಶಕದಲ್ಲಿ ಮಡೇರಾದ ಆಲೂಗಡ್ಡೆ ಬೆಳೆ ಕೊಳೆಯಿತು. 1850ರ ದಶಕದಲ್ಲಿ ದ್ರಾಕ್ಷಿಗೆ ರೋಗ ಬಂತು. 1878ರಿಂದ ಹವಾಯಿಯ ಕಬ್ಬಿನ ತೋಟಗಳಿಗೂ ಹೊರಟರು. 1879ರಲ್ಲಿ ಹೊನೊಲುಲುಗೆ ಬಂದ ಹಡಗಿನಲ್ಲಿ ಮಡೇರಾದ ನಾಲ್ಕು ತಂತಿಯ ಪುಟ್ಟ ವಾದ್ಯವೂ ಇತ್ತು. ಹವಾಯಿಯ ಗುರುತಾಗಿರುವ ಉಕುಲೇಲೆ ಹುಟ್ಟಿದ್ದು ಅದರಿಂದ.

ಇನ್ನು ಪ್ಯಾರಿಸ್. ಸಂಖ್ಯೆಯಲ್ಲಿ ಇದೇ ದೊಡ್ಡ ಅಧ್ಯಾಯ, ನಮ್ಮ ಹಿರಿಯರ ಕಾಲದಲ್ಲೇ ನಡೆದದ್ದು. 1960ರ ದಶಕದ ಪೋರ್ಚುಗಲ್‌ನಲ್ಲಿ ಸಲಾಜಾರ್‌ನ ಸರ್ವಾಧಿಕಾರ. ಸುಮಾರು ಮೂರರಲ್ಲಿ ಒಬ್ಬರಿಗೆ ಓದು ಬರಹ ಇಲ್ಲ. ಆಫ್ರಿಕಾದ ಅದರ ವಸಾಹತುಗಳಲ್ಲಿ, 1961ರಿಂದ ಅಂಗೋಲಾದಲ್ಲಿ, ಆಮೇಲೆ ಗಿನಿ, ಮೊಜಾಂಬಿಕ್‌ಗಳಲ್ಲಿ ಯುದ್ಧ. ವಯಸ್ಸಿಗೆ ಬಂದ ಹುಡುಗನನ್ನು ವರ್ಷಗಟ್ಟಲೆ ಸೈನ್ಯಕ್ಕೆ ಎಳೆದುಕೊಂಡು ಹೋಗುತ್ತಿದ್ದರು. ಪಾಸ್‌ಪೋರ್ಟ್ ಸುಲಭಕ್ಕೆ ಕೊಡುತ್ತಿರಲಿಲ್ಲ. ಆದ್ದರಿಂದ ಜನ ಕಳ್ಳದಾರಿ ಹಿಡಿದರು. ಅದಕ್ಕೆ ಅವರಿಟ್ಟ ಹೆಸರು 'ಸಾಲ್ಟೊ', ಅಂದರೆ ಜಿಗಿತ.

ಒಂದು ಫೋಟೊವನ್ನು ಎರಡು ಭಾಗ ಮಾಡಿ ಹರಿಯುತ್ತಿದ್ದರು. ಅರ್ಧ ಮನೆಯವರ ಹತ್ತಿರ, ಅರ್ಧ ಹೊರಟವನ ಜೇಬಿನಲ್ಲಿ. ಗಡಿ ದಾಟಿಸುವ ದಲ್ಲಾಳಿಯನ್ನು ನಂಬಿ ಸ್ಪೇನ್‌ನ ಉದ್ದಕ್ಕೂ ಲಾರಿಯಲ್ಲಿ ಅಡಗಿ, ರಾತ್ರಿ ನಡೆದು, ಪಿರನೀಸ್ ಬೆಟ್ಟ ಹತ್ತಿ ಇಳಿಯುತ್ತಿದ್ದರು. ಫ್ರಾನ್ಸ್ ಮುಟ್ಟಿದ ಮೇಲೆ ತನ್ನ ಅರ್ಧ ಫೋಟೊವನ್ನು ಮನೆಗೆ ಕಳಿಸುತ್ತಿದ್ದ. ಎರಡೂ ತುಂಡು ಕೂಡಿದರೆ ಮನೆಯವರು ದಲ್ಲಾಳಿಗೆ ಬಾಕಿ ಹಣ ಕೊಡುತ್ತಿದ್ದರು. ಓದು ಬಾರದ ಮನೆಗೂ ಅರ್ಥವಾಗುವ ರಸೀದಿ ಅದು.

1957ರಿಂದ 1974ರ ನಡುವೆ ಸುಮಾರು 9 ಲಕ್ಷ ಪೋರ್ಚುಗೀಸರು ಫ್ರಾನ್ಸ್‌ಗೆ ಹೋದರು. ಅರ್ಧಕ್ಕಿಂತ ಹೆಚ್ಚು ಜನರ ಬಳಿ ಕಾಗದಪತ್ರ ಇರಲಿಲ್ಲ. ಪ್ಯಾರಿಸ್ ಪಕ್ಕದ ಶಾಂಪಿನ್ಯಿಯಲ್ಲಿ ಹಲಗೆ, ತಗಡಿನ ಗುಡಿಸಲುಗಳು ಎದ್ದವು. ಕೆಸರು, ಚಳಿ, ಕೆಲವೇ ನಲ್ಲಿಗಳು. ಅಲ್ಲಿ ಹತ್ತು ಸಾವಿರಕ್ಕೂ ಹೆಚ್ಚು ಜನ ಇದ್ದರು. ಗಂಡಸರು ಪ್ಯಾರಿಸ್‌ನ ಹೊಸ ಕಟ್ಟಡಗಳನ್ನು ಕಟ್ಟಿದರು. ಹೆಂಗಸರು ಮನೆಕೆಲಸ, ಅಪಾರ್ಟ್‌ಮೆಂಟ್ ಕಾವಲಿಗೆ ಸೇರಿದರು. ಇತ್ತ ಪೋರ್ಚುಗಲ್ ಎಷ್ಟು ಖಾಲಿಯಾಯಿತೆಂದರೆ 1970ರ ಜನಗಣತಿಯಲ್ಲಿ 1960ಕ್ಕಿಂತ ಕಡಿಮೆ ಜನ ಸಿಕ್ಕಿದರು. ಲಕ್ಸೆಂಬರ್ಗ್‌ಗೂ ಆ ಕಾಲದಲ್ಲೇ ಹೋಗಲು ಶುರು ಮಾಡಿದರು. ಇವತ್ತು ಆ ಪುಟ್ಟ ದೇಶದಲ್ಲಿ ಸುಮಾರು ಏಳು ಜನರಲ್ಲಿ ಒಬ್ಬರು ಪೋರ್ಚುಗೀಸ್ ಪ್ರಜೆ. ಕೆನಡಾಕ್ಕೆ ಮೊದಲ ತಂಡ ಹೋಗಿದ್ದು 1953ರಲ್ಲಿ, ಹಾಲಿಫ್ಯಾಕ್ಸ್ ಬಂದರಿಗೆ.

1974ರ ಏಪ್ರಿಲ್ 25ರಂದು ಸೈನಿಕರೇ ದಂಗೆ ಎದ್ದು ಸರ್ವಾಧಿಕಾರ ಮುಗಿಸಿದರು. ವಸಾಹತುಗಳು ಸ್ವತಂತ್ರವಾದವು. ಆಗ ಹರಿವು ತಿರುಗಿತು. ಅಂಗೋಲಾ, ಮೊಜಾಂಬಿಕ್‌ಗಳಿಂದ ಐದು ಲಕ್ಷದಷ್ಟು ಜನ ಒಂದೆರಡು ವರ್ಷದಲ್ಲಿ ಪೋರ್ಚುಗಲ್‌ಗೆ ಬಂದರು. ಎಷ್ಟೋ ಜನ ಅಲ್ಲೇ ಹುಟ್ಟಿ ಬೆಳೆದವರು, ಪೋರ್ಚುಗಲ್ ನೋಡಿದವರೇ ಅಲ್ಲ. ಲಿಸ್ಬನ್ನಿನಲ್ಲಿ ಹಳೆಯ ನಾವಿಕರ ಸ್ಮಾರಕದ ಸುತ್ತ ಅವರ ಮರದ ಪೆಟ್ಟಿಗೆಗಳು ರಾಶಿ ಬಿದ್ದಿದ್ದವು.

ಹೊರಗೆ ಹೋಗುವುದು ಮಾತ್ರ ನಿಂತಿಲ್ಲ. 2011ರ ಸಾಲದ ಬಿಕ್ಕಟ್ಟಿನಲ್ಲಿ ಮತ್ತೆ ಲಕ್ಷಗಟ್ಟಲೆ ಜನ ಹೊರಟರು. ಈ ಸಲ ನರ್ಸ್‌ಗಳು, ಎಂಜಿನಿಯರ್‌ಗಳೂ ಇದ್ದರು. ಇತ್ತೀಚಿನ ವರ್ಷಗಳಲ್ಲಿ ಬ್ರೆಜಿಲ್, ಭಾರತ, ನೇಪಾಳಗಳಿಂದ ದುಡಿಯುವವರು ಪೋರ್ಚುಗಲ್‌ಗೆ ಬರುತ್ತಿದ್ದಾರೆ. ಮಡಗಾಂವ್ ಮೂಲದ ಮನೆತನದ ಆಂಟೊನಿಯೊ ಕೋಸ್ಟಾ 2015ರಿಂದ 2024ರವರೆಗೆ ಅಲ್ಲಿ ಪ್ರಧಾನಿಯಾಗಿದ್ದರು. 1961ಕ್ಕೆ ಮೊದಲು ಗೋವಾದಲ್ಲಿ ಹುಟ್ಟಿದವರ ಮನೆಗಳಲ್ಲಿ ಸಾವಿರಾರು ಜನ ಪೋರ್ಚುಗೀಸ್ ಪಾಸ್‌ಪೋರ್ಟ್ ಪಡೆದು ಇಂಗ್ಲೆಂಡಿನ ಸ್ವಿಂಡನ್‌ನಂಥ ಊರುಗಳಲ್ಲಿ ನೆಲೆಸಿದ್ದಾರೆ. ಹಾಗಾಗಿ ಇಂಗ್ಲೆಂಡಿನಲ್ಲಿ ನಿಮಗೆ ಸಿಗುವ ಪೋರ್ಚುಗೀಸ್ ಪ್ರಜೆ ಮನೆಯಲ್ಲಿ ಕೊಂಕಣಿ ಮಾತಾಡುವವರೂ ಆಗಿರಬಹುದು.

ಜೂನ್ 10 ಪೋರ್ಚುಗಲ್‌ನ ರಾಷ್ಟ್ರೀಯ ದಿನ. ಅದು ಮಹಾಕವಿ ಕಮೋಯಿಂಶ್ ತೀರಿಕೊಂಡ ದಿನ. ಹಬ್ಬದ ಅಧಿಕೃತ ಹೆಸರಿನಲ್ಲೇ ಹೊರನಾಡಿನ ಪೋರ್ಚುಗೀಸ್ ಸಮುದಾಯಗಳೂ ಸೇರಿವೆ. ಆದರೆ ಸಂಸತ್ತಿನ 230 ಸ್ಥಾನಗಳಲ್ಲಿ ಹೊರಗಿರುವವರಿಗೆ ಇರುವುದು ಬರೀ ನಾಲ್ಕು: ಯುರೋಪಿಗೆ ಎರಡು, ಉಳಿದ ಇಡೀ ಜಗತ್ತಿಗೆ ಎರಡು. ಹೊರಗೆ ನೋಂದಾಯಿಸಿಕೊಂಡ ಮತದಾರರು 15 ಲಕ್ಷಕ್ಕೂ ಹೆಚ್ಚು. ಅವರು ಕಳಿಸಿದ ದುಡ್ಡಿನಿಂದ ಎಷ್ಟೋ ಹಳ್ಳಿಗಳು ಉಳಿದವು. ಆ ಜನರಿಗೆ ನಾಲ್ಕು ಸ್ಥಾನ ತೀರಾ ಕಡಿಮೆ ಅನ್ನುವುದು ನನ್ನ ಅಭಿಪ್ರಾಯ.