ಬಣ್ಣ ಏರಿದರೆ ಬಲ ಇಳಿಯುತ್ತದೆ: ಕ್ರಿಯೋಲ್ ಪಾಸ್ಟಾದೊಳಗಿನ ಪಿಷ್ಟದ ಲೆಕ್ಕ

ಸಾಸ್ ಗಟ್ಟಿ ಮಾಡಲು ಹಿಟ್ಟನ್ನು ಕೊಬ್ಬಿನಲ್ಲಿ ಹುರಿದರೆ ಅದು ‘ರೂ’. ಈ ರೂ ಕಪ್ಪಾದಷ್ಟೂ ಸಾಸ್ ಗಟ್ಟಿಯಾಗುತ್ತದೆ ಎಂದು ನಂಬಿದವರು ತುಂಬ ಜನ. ಬಣ್ಣ ಗಾಢವಾದರೆ ಸಾಸೂ ಗಾಢವಾಗಬೇಕು ಎನ್ನುವುದು ಕೇಳೋಕೇನೋ ಸರಿ ಅನ್ನಿಸುತ್ತದೆ. ನಿಜ ಮಾತ್ರ ಪೂರ್ತಿ ಉಲ್ಟಾ. ಇದು ಗೊತ್ತಿಲ್ಲದೆ ಮಾಡಿದ ಕ್ರಿಯೋಲ್ ಪಾಸ್ಟಾ ಕ್ಯಾಸರೋಲ್ ಒಂದೋ ತಟ್ಟೆಯಲ್ಲಿ ಹರಿದಾಡುತ್ತದೆ, ಇಲ್ಲವೇ ಒಣಗಿ ಗಂಟಲಿಗೆ ಇಳಿಯುವುದಿಲ್ಲ. ಆಗ ಎಲ್ಲರೂ ಓವನ್ನನ್ನು ಬೈಯುತ್ತಾರೆ. ಪಾಪ, ಓವನ್‌ದೇನೂ ತಪ್ಪಿರುವುದಿಲ್ಲ. ಕಿತಾಪತಿ ಎಲ್ಲ ಪಿಷ್ಟದ್ದು.

ಕ್ರಿಯೋಲ್ ಎಂದರೆ ಅಮೆರಿಕದ ಲೂಸಿಯಾನಾ ರಾಜ್ಯದ, ಅದರಲ್ಲೂ ನ್ಯೂ ಆರ್ಲಿನ್ಸ್ ಸುತ್ತಮುತ್ತಲಿನ ರುಚಿ. ಮೊದಲು ರೂ. ಅದರ ಮೇಲೆ ಈರುಳ್ಳಿ, ಸೆಲರಿ, ಹಸಿರು ದಪ್ಪ ಮೆಣಸಿನಕಾಯಿ. ಈ ಮೂರನ್ನು ಅಲ್ಲಿಯವರು ‘ಹೋಲಿ ಟ್ರಿನಿಟಿ’ ಎನ್ನುತ್ತಾರೆ. ಆಮೇಲೆ ಹೊಗೆ ಹಾಕಿದ ಆಂಡೂಯಿ ಸಾಸೇಜ್, ಬೇಕಿದ್ದರೆ ಸೀಗಡಿ, ಕಯೆನ್ ಮೆಣಸಿನ ಪುಡಿ, ಥೈಮ್, ಸ್ವಲ್ಪ ಟೊಮೆಟೊ, ಹಾಲು, ಚೀಸ್. ಅರೆಬೆಂದ ಪಾಸ್ಟಾದ ಜೊತೆ ಎಲ್ಲವನ್ನೂ ಕಲಸಿ, ಟ್ರೇಗೆ ಸುರಿದು ಬೇಕ್ ಮಾಡಬೇಕು. ಹೊಟ್ಟೆ ತುಂಬುವ ಊಟ.

ಇಂಥ ಅಡುಗೆ ಅಲ್ಲೇ ಯಾಕೆ ಹುಟ್ಟಿತು? ನ್ಯೂ ಆರ್ಲಿನ್ಸ್ ಕಟ್ಟಿದವರು ಫ್ರೆಂಚರು, 1718ರಲ್ಲಿ. ಆಮೇಲೆ ಕೆಲವು ದಶಕ ಸ್ಪೇನಿನ ಆಳ್ವಿಕೆ. ಪಶ್ಚಿಮ ಆಫ್ರಿಕಾದಿಂದ ಗುಲಾಮರಾಗಿ ಹಿಡಿದು ತಂದ ಜನರ ಕೈರುಚಿ ಈ ಅಡುಗೆಯ ಜೀವಾಳ. ಅದನ್ನು ಮರೆತು ‘ಫ್ರೆಂಚ್ ಅಡುಗೆ’ ಅಂತ ಬರೆಯುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. 19ನೇ ಶತಮಾನದ ಕೊನೆಗೆ ಇಟಲಿಯ ಸಿಸಿಲಿಯಿಂದ ಸಾವಿರಾರು ಜನ ಬಂದಿಳಿದರು. ನಗರದ ಫ್ರೆಂಚ್ ಕ್ವಾರ್ಟರ್‌ಗೆ ಒಂದು ಕಾಲಕ್ಕೆ ಸಿಸಿಲಿಯ ರಾಜಧಾನಿಯ ನೆನಪಿಗೆ ‘ಲಿಟಲ್ ಪಲೆರ್ಮೋ’ ಎಂಬ ಅಡ್ಡಹೆಸರೇ ಇತ್ತು. ಅಲ್ಲಿಯ ಅಡುಗೆಮನೆಗಳಲ್ಲಿ ಪಾಸ್ಟಾ ಗಟ್ಟಿಯಾಗಿ ನೆಲೆಯೂರಿದ್ದು ಇವರಿಂದ.

ಇಲ್ಲೊಂದು ಸ್ವಾರಸ್ಯ. ಲೂಸಿಯಾನಾವನ್ನು 1803ರಲ್ಲಿ ಫ್ರಾನ್ಸ್‌ನಿಂದ 1.5 ಕೋಟಿ ಡಾಲರಿಗೆ ಕೊಂಡ ಅಧ್ಯಕ್ಷ ಥಾಮಸ್ ಜೆಫರ್ಸನ್ ಮೆಕರೋನಿಯ ಭಾರಿ ಅಭಿಮಾನಿ. ಯುರೋಪಿನಲ್ಲಿದ್ದಾಗ ಮೆಕರೋನಿ ಯಂತ್ರದ ನಕ್ಷೆಯನ್ನೇ ಬರೆದಿಟ್ಟುಕೊಂಡಿದ್ದ. ಅವನ ಗುಲಾಮನಾಗಿದ್ದ ಜೇಮ್ಸ್ ಹೆಮಿಂಗ್ಸ್ ಪ್ಯಾರಿಸ್‌ನಲ್ಲಿ ಫ್ರೆಂಚ್ ಅಡುಗೆ ಕಲಿತ. ಬಿಡುಗಡೆ ಸಿಕ್ಕಿದ್ದು 1796ರಲ್ಲಿ, ಅದೂ ತನ್ನ ವಿದ್ಯೆಯನ್ನು ತಮ್ಮ ಪೀಟರ್‌ಗೆ ಕಲಿಸಿಕೊಟ್ಟ ಮೇಲೆ. 1802ರಲ್ಲಿ ಜೆಫರ್ಸನ್ ಕೊಟ್ಟ ಔತಣದಲ್ಲಿ ಮೆಕರೋನಿಯ ಪೈ ಬಡಿಸಿದರು. ಅತಿಥಿ ಮನಾಸೆ ಕಟ್ಲರ್ ಅದನ್ನು ಯಾವುದೋ ಈರುಳ್ಳಿ ಜಾತಿ ಅಂದುಕೊಂಡ. ರುಚಿಯೂ ಹಿಡಿಸಲಿಲ್ಲ. ಅದರಲ್ಲಿ ಈರುಳ್ಳಿಯೇ ಇಲ್ಲ ಮಹಾರಾಯ ಎಂದು ತಿಳಿಹೇಳಿದವನು ಜೆಫರ್ಸನ್‌ನ ಕಾರ್ಯದರ್ಶಿ ಮೆರಿವೆದರ್ ಲೂಯಿಸ್. ಎರಡು ವರ್ಷದ ಬಳಿಕ ವಿಲಿಯಂ ಕ್ಲಾರ್ಕ್ ಎಂಬ ಸೇನಾಧಿಕಾರಿಯ ಜೊತೆ ಸೇರಿ ಹೊಸದಾಗಿ ಕೊಂಡ ಆ ಸೀಮೆಯನ್ನು ಅಳೆಯಲು ಹೊರಟ ಅದೇ ಲೂಯಿಸ್.

ಸರಿ, ಬಾಣಲೆಗೆ ಬರೋಣ.

ಹಿಟ್ಟಿನಲ್ಲಿರುವ ಪಿಷ್ಟ ಸಣ್ಣ ಸಣ್ಣ ಕಣಗಳಾಗಿ ಇರುತ್ತದೆ. ಒಂದೊಂದು ಕಣವೂ ಬಿಗಿಯಾಗಿ ಸುತ್ತಿಟ್ಟ ನೂಲಿನ ಉಂಡೆ ಅಂದುಕೊಳ್ಳಿ. ನೂಲು ಎರಡು ಬಗೆ. ಉದ್ದಕ್ಕೆ ನೇರವಾಗಿರುವುದು ಅಮೈಲೋಸ್, ಕವಲು ಕವಲಾಗಿ ಹರಡಿಕೊಂಡಿರುವುದು ಅಮೈಲೋಪೆಕ್ಟಿನ್. ತಣ್ಣೀರಿನಲ್ಲಿ ಉಂಡೆ ಬಿಚ್ಚಿಕೊಳ್ಳುವುದಿಲ್ಲ. ಸುಮಾರು 60 ಡಿಗ್ರಿ ಸೆಲ್ಸಿಯಸ್ ದಾಟಿದಾಗ ನೀರು ಒಳಗೆ ನುಗ್ಗುತ್ತದೆ. ಉಂಡೆ ಹಲವು ಪಟ್ಟು ಉಬ್ಬುತ್ತದೆ, ಅಮೈಲೋಸ್ ಎಳೆಗಳು ಹೊರಗೆ ಜಾರುತ್ತವೆ. ಉಬ್ಬಿದ ಉಂಡೆಗಳು ಒಂದಕ್ಕೊಂದು ಒತ್ತಿಕೊಂಡು, ಉದ್ದನೆಯ ಎಳೆಗಳು ನಡುವೆ ಸಿಕ್ಕುಗಟ್ಟಿ, ನೀರಿಗೆ ಸಲೀಸಾಗಿ ಓಡಾಡಲು ಜಾಗವೇ ಇರುವುದಿಲ್ಲ. ಸಾಸ್ ಗಟ್ಟಿಯಾಗುವುದು ಎಂದರೆ ಇಷ್ಟೇ. ನೀರು ಎಲ್ಲಿಗೂ ಹೋಗಿಲ್ಲ. ಅಲ್ಲೇ ಸಿಕ್ಕಿಹಾಕಿಕೊಂಡಿದೆ.

ಹಾಗಾದರೆ ಕೊಬ್ಬಿನ ಕೆಲಸ ಏನು? ಉಂಡೆಗಳನ್ನು ಬೇರೆ ಬೇರೆಯಾಗಿ ಇಡುವುದು. ಒಣ ಹಿಟ್ಟನ್ನು ನೇರವಾಗಿ ಬಿಸಿ ಹಾಲಿಗೆ ಸುರಿದರೆ ಮುದ್ದೆಯ ಹೊರಪದರ ತಕ್ಷಣ ಉಬ್ಬಿ ಅಂಟಾಗುತ್ತದೆ, ಒಳಗಿನ ಹಿಟ್ಟು ಒಣಗಿಯೇ ಉಳಿಯುತ್ತದೆ. ಗಂಟು ಎಂದರೆ ಅದೇ. ಪ್ರತಿ ಕಣಕ್ಕೂ ಬೆಣ್ಣೆ ಸವರಿದ್ದರೆ ಅವು ಬಿಡಿಬಿಡಿಯಾಗಿ ಹಾಲಿನಲ್ಲಿ ಹರಡುತ್ತವೆ.

ಈಗ ಬಣ್ಣದ ವಿಷಯ. ನೀರಿರುವ ಪಾತ್ರೆಯ ಬಿಸಿ 100 ಡಿಗ್ರಿಯ ಆಸುಪಾಸಿನಲ್ಲೇ ನಿಲ್ಲುತ್ತದೆ. ರೂನಲ್ಲಿ ನೀರು ಹೆಚ್ಚುಕಡಿಮೆ ಇಲ್ಲ. ಹಾಗಾಗಿ ಬಿಸಿ 150 ಡಿಗ್ರಿಯನ್ನು ಸುಲಭವಾಗಿ ದಾಟುತ್ತದೆ. ಹಿಟ್ಟಿನ ಪ್ರೋಟೀನು ಮತ್ತು ಸಕ್ಕರೆಗಳು ಸೇರಿ ಕಂದು ಬಣ್ಣವನ್ನೂ ಹುರಿದ ಘಮವನ್ನೂ ಹುಟ್ಟಿಸುತ್ತವೆ. 1912ರಲ್ಲಿ ಫ್ರಾನ್ಸಿನ ಲೂಯಿ ಕಮಿಲ್ ಮಯಾರ್ ವಿವರಿಸಿದ ಕ್ರಿಯೆ ಇದು. ಅಷ್ಟಕ್ಕೇ ನಿಂತಿದ್ದರೆ ಚೆನ್ನಾಗಿತ್ತು. ಆದರೆ ಅದೇ ಬಿಸಿ ನೂಲನ್ನೂ ಕತ್ತರಿಸುತ್ತಾ ಹೋಗುತ್ತದೆ. ಉದ್ದನೆಯ ಎಳೆ ತುಂಡಾಗಿ ಡೆಕ್ಸ್‌ಟ್ರಿನ್ ಆಗುತ್ತದೆ. ತುಂಡು ಎಳೆಗಳು ಸಿಕ್ಕುಗಟ್ಟುವುದಿಲ್ಲ, ಒಂದರ ಪಕ್ಕ ಒಂದು ಜಾರಿಹೋಗುತ್ತವೆ. ನೀರು ತಪ್ಪಿಸಿಕೊಳ್ಳುತ್ತದೆ. ಬಿಳಿ ರೂಗೆ ಹೋಲಿಸಿದರೆ ಚಾಕೊಲೇಟ್ ಬಣ್ಣದ ರೂನ ಬಲ ಅರ್ಧಕ್ಕಿಂತ ಕೆಳಗೆ ಇಳಿದಿರುತ್ತದೆ. ಬಣ್ಣವೂ ಬಲವೂ ಒಂದೇ ಹಿಟ್ಟಿನಿಂದ ಬರಬೇಕು. ಒಂದನ್ನು ಕೊಂಡರೆ ಇನ್ನೊಂದನ್ನು ಮಾರಿದ ಲೆಕ್ಕ.

ಬೇಕ್ ಮಾಡುವ ಪಾಸ್ಟಾಗೆ ನನ್ನ ಮತ ನಡುವಿನ ಬಣ್ಣಕ್ಕೆ. ಅಡುಗೆಯವರು ಪೀನಟ್ ಬಟರ್ ಬಣ್ಣ ಎನ್ನುತ್ತಾರಲ್ಲ, ಅದು. ಘಮ ಬಂದಿರುತ್ತದೆ, ಬಲ ಪೂರ್ತಿ ಹೋಗಿರುವುದಿಲ್ಲ. 450 ಗ್ರಾಂ ಪೆನ್ನೆಗೆ (ಕೊಳವೆಯಾಕಾರದ ಪಾಸ್ಟಾ) 60 ಗ್ರಾಂ ಮೈದಾ, 60 ಗ್ರಾಂ ಕೊಬ್ಬು, ಹಾಲು ಮತ್ತು ಸ್ಟಾಕ್ (ಮಾಂಸ ಅಥವಾ ತರಕಾರಿ ಬೇಯಿಸಿ ಸೋಸಿದ ನೀರು) ಸೇರಿ ಸುಮಾರು ಒಂದು ಲೀಟರ್. ಬರೀ ಬೆಣ್ಣೆ ಬೇಡ, ಅದರಲ್ಲಿರುವ ಹಾಲಿನ ಅಂಶ ಬೇಗ ಸೀಯುತ್ತದೆ. ಅರ್ಧ ಎಣ್ಣೆ ಇರಲಿ.

ಸೌಟನ್ನು ಒಂದೇ ದಿಕ್ಕಿಗೆ ತಿರುಗಿಸಬೇಕು, ಮರದ್ದೇ ಆಗಬೇಕು, ಕಬ್ಬಿಣದ ಬಾಣಲೆ ಇಲ್ಲದಿದ್ದರೆ ರೂ ಆಗಲ್ಲ... ಇವೆಲ್ಲ ಸುಮ್ನೆ. ಪಿಷ್ಟಕ್ಕೆ ದಿಕ್ಕು ಗೊತ್ತಾಗುವುದಿಲ್ಲ. ಕೈಯಾಡಿಸುವುದಕ್ಕೆ ಕಾರಣ ಒಂದೇ: ತಳದಲ್ಲಿ ಕೂತ ಹಿಟ್ಟು ಸೀಯಬಾರದು. ಕಪ್ಪು ಚುಕ್ಕೆ ಕಂಡರೆ ಮಾತ್ರ ಬಿಸಾಕಿ ಮತ್ತೆ ಶುರುಮಾಡಿ. ಆ ಕಹಿ ಯಾವ ಮಸಾಲೆಗೂ ಬಗ್ಗುವುದಿಲ್ಲ. ಮೈಮೇಲೆ ಸಿಡಿಯದ ಹಾಗೆಯೂ ನೋಡಿಕೊಳ್ಳಿ. ಬಿಸಿ ರೂ ಚರ್ಮಕ್ಕೆ ಅಂಟಿಕೊಂಡು ಸುಡುತ್ತದೆ. ಅದಕ್ಕೇ ಲೂಸಿಯಾನಾದ ಅಡುಗೆಯವರು ಅದನ್ನು ‘ಕೇಜನ್ ನೇಪಾಮ್’ ಎಂದು ಕರೆದದ್ದು. ಕೇಜನ್ ಎಂದರೆ ಅಲ್ಲಿಯ ಫ್ರೆಂಚ್ ಮೂಲದ ಒಂದು ಸಮುದಾಯ, ನೇಪಾಮ್ ಎಂದರೆ ಮೈಗೆ ಅಂಟಿಕೊಂಡು ಉರಿಯುವ ಬಾಂಬಿನ ವಸ್ತು.

ಬೇಕಾದ ಬಣ್ಣ ಬಂದ ಕ್ಷಣ ರೂ ಅನ್ನು ನಿಲ್ಲಿಸುವುದು ಹೇಗೆ? ಒಲೆ ಆರಿಸಿದರೂ ಬಾಣಲೆಯ ಬಿಸಿ ಅದನ್ನು ಹುರಿಯುತ್ತಲೇ ಇರುತ್ತದೆ. ಇಲ್ಲಿ ಟ್ರಿನಿಟಿಯ ಜಾಣತನ ಕಾಣುತ್ತದೆ. ಹೆಚ್ಚಿದ ಈರುಳ್ಳಿ, ಸೆಲರಿ, ದಪ್ಪ ಮೆಣಸಿನಕಾಯಿಗಳ ತೂಕದಲ್ಲಿ ನೂರಕ್ಕೆ ಸುಮಾರು 90 ಪಾಲು ನೀರೇ. ಅವನ್ನು ರೂಗೆ ಹಾಕುತ್ತಿದ್ದಂತೆ ಚೊರ್ ಎಂದು ನೀರು ಆವಿಯಾಗುತ್ತದೆ. ಆವಿಯಾಗಲು ಬೇಕಾದ ಶಾಖವನ್ನು ರೂನಿಂದಲೇ ಕಿತ್ತುಕೊಳ್ಳುತ್ತದೆ. ಬಿಸಿ ಸರ್ರನೆ ಇಳಿದು ಕಂದಾಗುವುದು ನಿಲ್ಲುತ್ತದೆ. ತರಕಾರಿ ಬೆಂದಂತೆಯೂ ಆಯಿತು. ಮಯಾರ್ ಹುಟ್ಟುವ ಮೊದಲೇ ಇದನ್ನು ಯಾರೋ ಅಡುಗೆಮನೆಯಲ್ಲೇ ಕಂಡುಕೊಂಡಿದ್ದರು.

ಕಯೆನ್ ಪುಡಿಯನ್ನೂ ಈಗಲೇ ಹಾಕಿ. ಖಾರದ ಕ್ಯಾಪ್ಸೈಸಿನ್ ನೀರಿಗಿಂತ ಕೊಬ್ಬಿನಲ್ಲಿ ಚೆನ್ನಾಗಿ ಕರಗುತ್ತದೆ. ಸಾಸೇಜ್ ತುಂಡುಗಳನ್ನು ಮೊದಲೇ ಬೇರೆಯಾಗಿ ಕೆಂಪಗೆ ಹುರಿದಿಟ್ಟುಕೊಳ್ಳಿ. ಹುರಿದರೆ ಮಾಂಸದ ರಸ ಒಳಗೇ ‘ಸೀಲ್’ ಆಗುತ್ತದೆ ಎನ್ನುವ ಮಾತು ಬೇಡ. ಜರ್ಮನಿಯ ರಸಾಯನ ವಿಜ್ಞಾನಿ ಲೀಬಿಗ್ 19ನೇ ಶತಮಾನದಲ್ಲಿ ಹಬ್ಬಿಸಿದ ಈ ಮಾತು ಸುಳ್ಳೆಂದು ಸಾಬೀತಾಗಿ ಎಷ್ಟೋ ಕಾಲವಾಯಿತು. ಹುರಿಯುವುದು ರುಚಿಗೆ, ಬಣ್ಣಕ್ಕೆ.

ಟೊಮೆಟೊ ಮತ್ತು ಹಾಲು ಒಟ್ಟಿಗೆ ಬಂದಾಗ ಸ್ವಲ್ಪ ಹುಷಾರು. ಹಾಲಿನ ಕೇಸೀನ್ ಪ್ರೋಟೀನು ಹುಳಿ ಹೆಚ್ಚಾದರೆ ಗುಂಪುಗಟ್ಟುತ್ತದೆ. ಹುಳಿಯ ಅಳತೆಯಾದ ಪಿಎಚ್ 4.6ರ ಹತ್ತಿರ ಬಂದರೆ ಅದು ಪೂರ್ತಿ ಒಡೆಯುತ್ತದೆ. ಟೊಮೆಟೊದ ಪಿಎಚ್ ಕೂಡ ಅಲ್ಲೇ ಸುತ್ತಮುತ್ತ. ಹಾಗಾಗಿ ಟೊಮೆಟೊ ಕಡಿಮೆ ಇರಲಿ, ತರಕಾರಿಯ ಜೊತೆ ಬೆಂದು ನೀರು ಆರಲಿ, ಆಮೇಲೆ ಹಾಲನ್ನು ಸ್ವಲ್ಪ ಸ್ವಲ್ಪವಾಗಿ ಹಾಕುತ್ತಾ ಕೈಯಾಡಿಸಿ. ಪಿಷ್ಟ ಉಬ್ಬಿ ಸಾಸ್ ಗಟ್ಟಿಯಾದರೆ ಕೇಸೀನ್ ಕಣಗಳು ಒಂದನ್ನೊಂದು ಸೇರುವುದೂ ಕಷ್ಟವಾಗುತ್ತದೆ. ಚೀಸ್‌ಗೂ ಇದೇ ನ್ಯಾಯ. ಒಲೆ ಆರಿಸಿ, ಕುದಿ ನಿಂತ ಮೇಲೆ 250 ಗ್ರಾಂ ತುರಿದ ಚೆಡ್ಡಾರ್ ಸೇರಿಸಿ. ಕುದಿಯುವ ಸಾಸ್‌ಗೆ ಹಾಕಿದರೆ ಪ್ರೋಟೀನು ಬಿಗಿದುಕೊಂಡು ಎಣ್ಣೆ ಮೇಲೆ ತೇಲುತ್ತದೆ, ಬಾಯಿಗೆ ಮರಳು ಮರಳು.

ಪಾಸ್ಟಾ ಬೇಯಿಸುವ ನೀರಿಗೆ ಎಣ್ಣೆ ಹಾಕಬೇಡಿ. ಅದು ಮೇಲೆ ತೇಲುತ್ತದೆ ಅಷ್ಟೇ, ಒಳಗಿನ ಪಾಸ್ಟಾ ಅಂಟಿಕೊಳ್ಳುವುದನ್ನು ತಪ್ಪಿಸುವುದಿಲ್ಲ. ಮೊದಲ ಒಂದೆರಡು ನಿಮಿಷ ಚೆನ್ನಾಗಿ ಕೈಯಾಡಿಸಿದರೆ ಸಾಕು. ಪಾಕೆಟ್ ಮೇಲೆ ಬರೆದಿದ್ದಕ್ಕಿಂತ ಮೂರು ನಿಮಿಷ ಮೊದಲೇ ಬಸಿಯಿರಿ. ಪಾಸ್ಟಾ ಮಾಡುವ ಡ್ಯೂರಂ ಗೋಧಿಯ ಗ್ಲುಟೆನ್ (ಅಂಟು ಪ್ರೋಟೀನು) ಬಲೆಯೊಳಗೆ ಪಿಷ್ಟ ಇನ್ನೂ ಹಸಿದಿರುತ್ತದೆ. ಓವನ್‌ನಲ್ಲಿ ಅದು ಸಾಸ್‌ನ ನೀರನ್ನೇ ಕುಡಿಯುತ್ತದೆ, ಜೊತೆಗೆ ಉಪ್ಪು ಖಾರವೂ ಒಳಗೆ ಇಳಿಯುತ್ತದೆ. ಅಂದರೆ ಕಲಸುವಾಗ ಸಾಸ್ ನಿಮಗೆ ಸರಿ ಅನ್ನಿಸುವುದಕ್ಕಿಂತ ಸ್ವಲ್ಪ ಜಾಸ್ತಿಯೇ ತೆಳ್ಳಗಿರಬೇಕು. ಹೆಚ್ಚಿನ ಜನ ಇಲ್ಲೇ ಎಡವುವುದು. ಬಾಣಲೆಯಲ್ಲಿ ಹದವಾಗಿ ಕಂಡ ಸಾಸ್‌ನಲ್ಲಿ ಪಾಸ್ಟಾದ ಬಾಯಾರಿಕೆಯ ಲೆಕ್ಕ ಇರುವುದಿಲ್ಲ.

ಸೀಗಡಿ ಹಾಕುವುದಾದರೆ ಹಸಿಯಾಗಿಯೇ ಕಲಸಿ, ಓವನ್ನಿನ ಬಿಸಿಗೆ ಬೇಯುತ್ತದೆ. ಮೇಲೆ ಬ್ರೆಡ್ ಪುಡಿ, ಇನ್ನೊಂದಿಷ್ಟು ಚೀಸ್. 190 ಡಿಗ್ರಿಯಲ್ಲಿ ಸುಮಾರು 25 ನಿಮಿಷ. ಅಂಚಿನಲ್ಲಿ ಗುಳ್ಳೆ ಏಳಬೇಕು, ಮೇಲ್ಮೈ ಕಂದಾಗಬೇಕು.

ತೆಗೆದ ತಕ್ಷಣ ಬಡಿಸಬೇಡಿ. ಕಾಲು ಗಂಟೆ ಬಿಡಿ. ಆರುತ್ತಿದ್ದಂತೆ ಹೊರಬಂದಿದ್ದ ಅಮೈಲೋಸ್ ಎಳೆಗಳು ಪಕ್ಕಪಕ್ಕ ಬಂದು ಹೆಣೆದುಕೊಳ್ಳುತ್ತವೆ. ಹರಿಯುತ್ತಿದ್ದ ಸಾಸ್ ನಿಲ್ಲುತ್ತದೆ, ಚೌಕಾಕಾರವಾಗಿ ಕತ್ತರಿಸಿ ಎತ್ತಬಹುದು.

ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ. ಈ ಹೆಣಿಗೆ ರಾತ್ರಿಯಿಡೀ ಮುಂದುವರಿಯುತ್ತದೆ. ಕವಲಿನ ನೂಲೂ ಸೇರಿಕೊಂಡು ಬೆಳಗ್ಗೆ ಹೊತ್ತಿಗೆ ಪಾಸ್ಟಾ ಬಿರುಸಾಗಿರುತ್ತದೆ. ಹೀಗೆ ತಣಿದ ಪಿಷ್ಟದ ಒಂದು ಪಾಲು ಸಣ್ಣ ಕರುಳಿನಲ್ಲಿ ಜೀರ್ಣವಾಗುವುದಿಲ್ಲ ಎನ್ನುವುದು ನಿಜ. ಅದನ್ನೇ ಹಿಡಿದು ‘ಫ್ರಿಜ್‌ನಲ್ಲಿಟ್ಟ ಪಾಸ್ಟಾ ತಿಂದರೆ ಸಕ್ಕರೆ ಏರಲ್ಲ’ ಎಂದು ಪ್ರಚಾರ ಮಾಡುವವರಿದ್ದಾರೆ. ಆ ಪಾಲು ಚಿಕ್ಕದು. ಉಳಿದ ಪಿಷ್ಟ ಎಂದಿನಂತೆ ಸಕ್ಕರೆಯೇ ಆಗುತ್ತದೆ, ಚೀಸ್ ಸಾಸೇಜುಗಳ ಕೊಬ್ಬಂತೂ ಹಾಗೇ ಇರುತ್ತದೆ. ಮಧುಮೇಹ ಇದ್ದವರು ಈ ಮಾತು ನಂಬಿ ಎರಡನೇ ತಟ್ಟೆ ಹಾಕಿಸಿಕೊಳ್ಳಬೇಡಿ.

ಮತ್ತೆ ಬಿಸಿ ಮಾಡುವಾಗ ಕವಲಿನ ನೂಲಿನ ಹೆಣಿಗೆ ಬಿಚ್ಚಿಕೊಳ್ಳುತ್ತದೆ. ನೇರ ನೂಲಿನದು ಅಷ್ಟು ಬಿಸಿಗೆ ಬಿಚ್ಚುವುದಿಲ್ಲ. ಅದಕ್ಕೇ ಎಷ್ಟು ಬಿಸಿ ಮಾಡಿದರೂ ನಿನ್ನೆಯ ಹದ ಬಾರದು, ಸಾಸ್ ಗಟ್ಟಿಯಾಗಿಯೇ ಉಳಿಯುತ್ತದೆ. ಒಂದು ಪಾಲಿಗೆ ಎರಡು ಮೂರು ಚಮಚ ಹಾಲು ಚಿಮುಕಿಸಿ, ಫಾಯಿಲ್ ಮುಚ್ಚಿ, ನಡುಭಾಗ ಹಬೆಯಾಡುವ ತನಕ ಓವನ್‌ನಲ್ಲಿಡಿ. ಕೊನೆಯ ಐದು ನಿಮಿಷ ಫಾಯಿಲ್ ತೆಗೆದರೆ ಮೇಲಿನ ಬ್ರೆಡ್ ಪುಡಿ ಮತ್ತೆ ಗರಿಗರಿಯಾಗುತ್ತದೆ.