ಪಾಲಿಸಿ ಇಮೇಲಿಗೆ ಬಂದರೆ ವಿಮೆ ಹಸಿರಾಗುವುದಿಲ್ಲ

ಆರೋಗ್ಯ ವಿಮೆಯ ಪಾಲಿಸಿ ಈಗ ಇಮೇಲಿಗೇ ಬರುತ್ತದೆ. 2024ರ ಏಪ್ರಿಲ್‌ನಿಂದ ಪಾಲಿಸಿಗಳನ್ನು ಎಲೆಕ್ಟ್ರಾನಿಕ್ ರೂಪದಲ್ಲೇ ಕೊಡಬೇಕು ಅಂತ ವಿಮಾ ಕಂಪನಿಗಳನ್ನು ನಿಯಂತ್ರಿಸುವ ಪ್ರಾಧಿಕಾರ ಐಆರ್‌ಡಿಎಐ ನಿಯಮ ಮಾಡಿದೆ. ಇಮೇಲಿನ ಕೊನೆಯಲ್ಲಿ ಕಾಗದ ಉಳಿಸಿ, ಮರ ಉಳಿಸಿ ಅನ್ನುವ ಸಾಲೂ ಇರುತ್ತದೆ. ಒಳ್ಳೆಯದೇ. ಕಾಸರಗೋಡಿನಲ್ಲಿ ಕುಳಿತು ಜನರಿಗೆ ಪಾಲಿಸಿ ಮಾಡಿಸಿ ಕೊಡುವುದು, ಆಸ್ಪತ್ರೆ ಸೇರಿದಾಗ ಕ್ಲೇಮಿನ ಫೈಲು ಸರಿಮಾಡಿ ಕಳಿಸುವುದು ನನ್ನ ಉದ್ಯೋಗ. ಫೈಲಿನ ದಪ್ಪ ಕಡಿಮೆಯಾದದ್ದು ನನಗೂ ಖುಷಿ. ಆದರೆ ಆ ಫೈಲಿನ ಹಿಂದೆ ಇರುವ ಕಾರಿನ ಓಡಾಟ, ಎಸಿ ರೂಮು, ಪ್ಲಾಸ್ಟಿಕ್ಕು, ನೀರು, ಕೊನೆಗೆ ಸುಡಲು ಹೋಗುವ ಕಸ, ಇದರಲ್ಲಿ ಯಾವುದೂ ಕಡಿಮೆಯಾಗಿಲ್ಲ.

ಜಗತ್ತಿನ ಒಟ್ಟು ಹಸಿರುಮನೆ ಅನಿಲಗಳಲ್ಲಿ ಆರೋಗ್ಯ ಕ್ಷೇತ್ರದ ಪಾಲು ಸುಮಾರು ಶೇ. 4.4 ಅಂತ ಹೆಲ್ತ್ ಕೇರ್ ವಿದೌಟ್ ಹಾರ್ಮ್ ಸಂಸ್ಥೆಯ 2019ರ ವರದಿ ಹೇಳುತ್ತದೆ. ಅದರಲ್ಲೂ ಶೇ. 70ಕ್ಕಿಂತ ಜಾಸ್ತಿ ಬರುವುದು ಆಸ್ಪತ್ರೆ ಖರೀದಿಸುವ ಔಷಧಿ, ಸಲಕರಣೆ, ಅವುಗಳ ತಯಾರಿ ಮತ್ತು ಸಾಗಾಟದಿಂದ. ಅಂದರೆ ಬಿಲ್ಲಿನಲ್ಲಿ ಸಾಲುಸಾಲಾಗಿ ಬರುವ ಐಟಂಗಳೇ. ಆ ಬಿಲ್ಲಿನ ದೊಡ್ಡ ಪಾಲು ಕಟ್ಟುವುದು ಯಾರು? ವಿಮಾ ಕಂಪನಿ. ಯಾವುದಕ್ಕೆ ದುಡ್ಡು ಕೊಡುತ್ತೇವೆ, ಯಾವುದಕ್ಕೆ ಕೊಡುವುದಿಲ್ಲ ಅಂತ ಕಂಪನಿ ಬರೆದಿಡುವ ನಿಯಮವೇ ಆಸ್ಪತ್ರೆಯಲ್ಲಿ ಏನು ನಡೆಯಬೇಕು ಅನ್ನುವುದನ್ನು ಅರ್ಧಕ್ಕರ್ಧ ತೀರ್ಮಾನ ಮಾಡುತ್ತದೆ. ಹಾಗಾಗಿ ವಿಮೆಯವರ ಪರಿಸರ ಕಾಳಜಿಯನ್ನು ನಾನು ಹುಡುಕುವುದು ಪಾಲಿಸಿಯ ಷರತ್ತುಗಳಲ್ಲಿ.

24 ಗಂಟೆಯ ಷರತ್ತನ್ನೇ ನೋಡಿ. ಸಾಮಾನ್ಯ ಪಾಲಿಸಿಯಲ್ಲಿ ಕ್ಲೇಮ್ ಸಿಗಬೇಕಾದರೆ ಕನಿಷ್ಠ 24 ಗಂಟೆ ಒಳರೋಗಿಯಾಗಿ ಅಡ್ಮಿಟ್ ಆಗಿರಬೇಕು. ಡಯಾಲಿಸಿಸ್, ಕೀಮೋ, ಕಣ್ಣಿನ ಪೊರೆಯ ಆಪರೇಷನ್ ತರದ, ಅದೇ ದಿನ ಮನೆಗೆ ಹೋಗಬಹುದಾದ ಡೇ ಕೇರ್ ಚಿಕಿತ್ಸೆಗಳಿಗೆ ಮಾತ್ರ ವಿನಾಯಿತಿ. ಒ.ಪಿ.ಯಲ್ಲಿ, ಅಂದರೆ ಹೊರರೋಗಿಯಾಗಿ ತೋರಿಸಿ, ರಕ್ತ ಪರೀಕ್ಷೆ ಮಾಡಿಸಿ, ಮಾತ್ರೆ ತಗೊಂಡು ಮನೆಗೆ ಬಂದರೆ ಬಹುತೇಕ ಪಾಲಿಸಿಗಳಲ್ಲಿ ಒಂದು ಪೈಸೆ ಇಲ್ಲ. ಮಳೆಗಾಲ ಶುರುವಾದ ಕೂಡಲೇ ನನಗೆ ಬರುವ ಫೋನುಗಳು ಹೀಗಿರುತ್ತವೆ: "ಅಣ್ಣಾ, ಅಮ್ಮನಿಗೆ ಜ್ವರ. ಅಡ್ಮಿಟ್ ಬೇಕಂತ ಇಲ್ಲ ಅಂತ ಡಾಕ್ಟ್ರು ಹೇಳ್ತಾರೆ. ಒಂದು ರಾತ್ರಿ ಇದ್ದರೆ ಕ್ಲೇಮ್ ಸಿಗ್ತದಾ?"

ಇದರಲ್ಲಿ ಫೋನ್ ಮಾಡಿದವರ ತಪ್ಪು ಏನೂ ಇಲ್ಲ. ವರ್ಷವರ್ಷ ಪ್ರೀಮಿಯಂ ಕಟ್ಟಿದವರು ಅವರು. ಅಡಿಕೆಗೆ ಕೊಳೆರೋಗ ಬಂದ ವರ್ಷವೂ ಸಾಲ ಮಾಡಿ ಕಟ್ಟಿದವರಿದ್ದಾರೆ. ಮನೆಯಲ್ಲೇ ಗುಣವಾದರೆ ದುಡ್ಡು ಸಿಗುವುದಿಲ್ಲ, ಮಲಗಿದರೆ ಸಿಗುತ್ತದೆ ಅಂತ ನಾವೇ ಬರೆದಿಟ್ಟಿದ್ದೇವೆ. ನಾನು ಹೇಳುವುದು ಇಷ್ಟೇ: ಡಾಕ್ಟ್ರು ಬೇಡ ಅಂದ ಮೇಲೆ ಬೇಡ. ಬರೇ ಪರೀಕ್ಷೆಗಾಗಿ ಅಡ್ಮಿಟ್ ಆದರೆ ಆ ಕ್ಲೇಮ್ ನಿಲ್ಲುವುದೂ ಇಲ್ಲ. ತಪಾಸಣೆಗಾಗಿ ಮಾತ್ರ ದಾಖಲಾದದ್ದಕ್ಕೆ ಹಣ ಇಲ್ಲ ಅನ್ನುವುದು ಎಲ್ಲ ಕಂಪನಿಗಳಿಗೂ ಒಂದೇ ರೀತಿ ಇರುವ ಷರತ್ತು, ಎಕ್ಸ್‌ಕ್ಲೂಷನ್ ಕೋಡ್ 04 ಅಂತ ಪಾಲಿಸಿಯಲ್ಲೇ ಬರೆದಿರುತ್ತದೆ. ಆಗ ಮನೆಯವರಿಗೆ ಎರಡು ಕಡೆಯಿಂದಲೂ ನಷ್ಟ.

ಆ ಒಂದು ರಾತ್ರಿಯಲ್ಲಿ ಏನೇನು ಖರ್ಚಾಗುತ್ತದೆ ಅಂತ ಡಿಸ್ಚಾರ್ಜ್ ಬಿಲ್ಲನ್ನು ಬಿಡಿಸಿ ನೋಡಿದರೆ ಗೊತ್ತಾಗುತ್ತದೆ. ಐವಿ ಕ್ಯಾನುಲಾ ಒಂದು, ಸರಿಯಾಗಿ ಕೂರದಿದ್ದರೆ ಇನ್ನೊಂದು. ಡ್ರಿಪ್ ಸೆಟ್, ಸಲೈನ್ ಬಾಟ್ಲಿಗಳು, ಸಿರಿಂಜುಗಳು, ಗ್ಲೌಸು, ಮಾಸ್ಕು, ಅಂಡರ್‌ಪ್ಯಾಡು. ಇವೆಲ್ಲ ಬಳಕೆಯಾದ ಮೇಲೆ ಬಣ್ಣಬಣ್ಣದ ಡಬ್ಬಕ್ಕೆ ಹೋಗುತ್ತವೆ. 2016ರ ಜೈವಿಕ ವೈದ್ಯಕೀಯ ತ್ಯಾಜ್ಯ ನಿಯಮದ ಪ್ರಕಾರ ಹಳದಿ ಚೀಲದ್ದು ಸುಡಲು, ಕೆಂಪು ಚೀಲದ ಪ್ಲಾಸ್ಟಿಕ್ ಹಬೆಯಲ್ಲಿ ಶುದ್ಧ ಮಾಡಿ ಮರುಬಳಕೆಗೆ, ಸೂಜಿಗಳು ಬಿಳಿ ಡಬ್ಬಕ್ಕೆ, ಗಾಜು ನೀಲಿಗೆ. ಕೇರಳದ ಆಸ್ಪತ್ರೆ ಕಸದ ದೊಡ್ಡ ಪಾಲನ್ನು ಭಾರತೀಯ ವೈದ್ಯಕೀಯ ಸಂಘದ ಇಮೇಜ್ ಅನ್ನುವ ಘಟಕ ಪಾಲಕ್ಕಾಡಿನಲ್ಲಿ ವಿಲೇವಾರಿ ಮಾಡುತ್ತಾ ಬಂದಿದೆ. ಕಾಸರಗೋಡಿನಿಂದ ಪಾಲಕ್ಕಾಡಿಗೆ ಎಷ್ಟು ದೂರ ಅಂತ ರೈಲಿನಲ್ಲಿ ಹೋದವರಿಗೆ ಗೊತ್ತು. ಬೇಡದ ಒಂದು ಅಡ್ಮಿಷನ್ ತಪ್ಪಿದರೆ ತಪ್ಪುವುದು ಬರೇ ಬಿಲ್ಲಲ್ಲ, ಅಷ್ಟು ದೂರದ ಸಾಗಾಟ ಮತ್ತು ಹೊಗೆ ಕೂಡ.

ಬಿಲ್ಲಿನ ವಿಷಯ ಬಂದ ಮೇಲೆ ಇನ್ನೊಂದು. ಗ್ಲೌಸು, ಮಾಸ್ಕು ಇತ್ಯಾದಿ 68 ಐಟಂಗಳ ಒಂದು ಪಟ್ಟಿ ಇದೆ. ಇವಕ್ಕೆ ಮಾಮೂಲಿ ಪಾಲಿಸಿಯಲ್ಲಿ ಹಣ ಕೊಡುವುದಿಲ್ಲ, ರೋಗಿಯೇ ಕಟ್ಟಬೇಕು. ಕೋವಿಡ್ ಕಾಲದಲ್ಲಿ ಈ ಪಟ್ಟಿಯಿಂದ ಜನರಿಗೆ ತುಂಬಾ ಹೊಡೆತ ಬಿತ್ತು. ಅದಾದ ಮೇಲೆ ಕಂಪನಿಗಳು ಸ್ವಲ್ಪ ಜಾಸ್ತಿ ಪ್ರೀಮಿಯಂ ತಗೊಂಡು ಇವನ್ನೂ ಸೇರಿಸುವ ಕನ್ಸ್ಯೂಮಬಲ್ಸ್ ರೈಡರ್ ಮಾರಲು ಶುರು ಮಾಡಿದವು. ಗ್ರಾಹಕರಿಗೆ ಅದು ಬೇಕೇ ಬೇಕು, ನಾನೂ ತಗೊಳ್ಳಿ ಅಂತಲೇ ಹೇಳುತ್ತೇನೆ. ಆದರೆ ಆ ರೈಡರ್ ಬರೆದವರು ಯಾರೂ ಆಸ್ಪತ್ರೆಯ ಹತ್ತಿರ, ಇಷ್ಟೆಲ್ಲ ನಿಜಕ್ಕೂ ಬೇಕಿತ್ತಾ ಅಂತ ಕೇಳಿದ್ದನ್ನು ನಾನು ಕಂಡಿಲ್ಲ. ಲಂಡನ್ನಿನ ಗ್ರೇಟ್ ಆರ್ಮಂಡ್ ಸ್ಟ್ರೀಟ್ ಮಕ್ಕಳ ಆಸ್ಪತ್ರೆಯವರು 2018ರಲ್ಲಿ ಇದನ್ನೇ ಕೇಳಿಕೊಂಡರು. ಗ್ಲೌಸ್ ಬೇಡದ ಕಡೆ ಹಾಕಬೇಡಿ, ಕೈ ಚೆನ್ನಾಗಿ ತೊಳೆಯಿರಿ ಅಂತ ಸಿಬ್ಬಂದಿಗೆ ತರಬೇತಿ ಕೊಟ್ಟರು. ಒಂದೇ ವರ್ಷದಲ್ಲಿ ಸುಮಾರು 21 ಟನ್ ಪ್ಲಾಸ್ಟಿಕ್ ಉಳಿಯಿತು.

ಅಷ್ಟು ದೂರ ಹೋಗುವುದೂ ಬೇಡ. ದಕ್ಷಿಣ ಭಾರತದ ಅರವಿಂದ್ ಕಣ್ಣಿನ ಆಸ್ಪತ್ರೆಯಲ್ಲಿ ಒಂದು ಪೊರೆ ಆಪರೇಷನ್ನಿಗೆ ಎಷ್ಟು ಇಂಗಾಲ ಖರ್ಚಾಗುತ್ತದೆ ಅಂತ ಲೆಕ್ಕ ಹಾಕಿದ ಅಧ್ಯಯನ 2017ರಲ್ಲಿ ಪ್ರಕಟವಾಯಿತು. ಉತ್ತರ: ಸುಮಾರು 6 ಕಿಲೋ ಇಂಗಾಲದ ಡೈಆಕ್ಸೈಡಿಗೆ ಸಮ. ಕಸ ಕಾಲು ಕಿಲೋದಷ್ಟು. ಬ್ರಿಟನ್ನಿನಲ್ಲಿ ಅದೇ ಆಪರೇಷನ್ನಿಗೆ ಇದರ ಇಪ್ಪತ್ತು ಪಟ್ಟಿನಷ್ಟು ಇಂಗಾಲ. ಅರವಿಂದದವರು ಏನು ಮಾಡಿದರು? ಉಪಕರಣಗಳನ್ನು ಸರಿಯಾಗಿ ಸ್ಟೆರಿಲೈಸ್ ಮಾಡಿ ಮತ್ತೆ ಬಳಸಿದರು, ಒಂದರ ಹಿಂದೆ ಒಂದು ಆಪರೇಷನ್ ತಡವಿಲ್ಲದೆ ನಡೆಯುವಂತೆ ಥಿಯೇಟರ್ ಜೋಡಿಸಿಕೊಂಡರು. ಹಾಗಂತ ಸೋಂಕು ಜಾಸ್ತಿಯಾಗಲಿಲ್ಲ, ಫಲಿತಾಂಶ ಚೆನ್ನಾಗಿಯೇ ಇದೆ. ಇದು ನಮ್ಮ ದೇಶದ್ದೇ ಸಾಧನೆ! ಆದರೆ ನಮ್ಮ ವಿಮಾ ಕಂಪನಿಗಳ ಪ್ಯಾಕೇಜ್ ದರದಲ್ಲಿ ಹೀಗೆ ಮಾಡುವ ಆಸ್ಪತ್ರೆಗೆ ಒಂದು ರೂಪಾಯಿ ಹೆಚ್ಚು ಸಿಗುವ ದಾರಿ ನನಗೆ ಕಂಡಿಲ್ಲ.

ಈಗ ನಮ್ಮ ಊರಿನ ದೊಡ್ಡ ಕಷ್ಟಕ್ಕೆ ಬರುತ್ತೇನೆ. ಕಾಸರಗೋಡಿನವರು ಏನೇ ದೊಡ್ಡ ಕಾಯಿಲೆ ಬಂದರೂ ಮಂಗಳೂರಿಗೆ ಓಡುವವರು. 2020ರ ಮಾರ್ಚ್ ಕೊನೆಯಲ್ಲಿ ಕೋವಿಡ್ ಕಾರಣಕ್ಕೆ ತಲಪಾಡಿಯಲ್ಲಿ ಕೇರಳ-ಕರ್ನಾಟಕ ಗಡಿ ಮುಚ್ಚಿದಾಗ ಆ ಓಟ ನಿಂತು ಹೋಗಿ ಎಷ್ಟು ಮನೆಗಳಲ್ಲಿ ಅನಾಹುತವಾಯಿತು ಅನ್ನುವುದನ್ನು ಇಲ್ಲಿ ಯಾರೂ ಮರೆತಿಲ್ಲ. ನಮ್ಮ ಜಿಲ್ಲೆಯದೇ ಆದ ಉಕ್ಕಿನಡ್ಕದ ಮೆಡಿಕಲ್ ಕಾಲೇಜಿಗೆ 2013ರಲ್ಲಿ ಅಡಿಗಲ್ಲು ಹಾಕಿದ್ದರೂ ಅದರ ಕಟ್ಟಡ ಮೊದಲು ರೋಗಿಗಳನ್ನು ಕಂಡದ್ದು ಆ 2020ರ ಏಪ್ರಿಲ್‌ನಲ್ಲಿ, ಕೋವಿಡ್ ಆಸ್ಪತ್ರೆಯಾಗಿ.

ಡಯಾಲಿಸಿಸ್ ಮಾಡಿಸುವವರ ಓಡಾಟದ ಲೆಕ್ಕ ಹಾಕಿ. ಕಾಸರಗೋಡು ಪೇಟೆಯಿಂದ ಮಂಗಳೂರಿಗೆ 50 ಕಿಲೋಮೀಟರ್, ಹೋಗಿ ಬಂದರೆ 100. ಕಾರಿಗೆ ಆರೇಳು ಲೀಟರ್ ಪೆಟ್ರೋಲ್ ಬೇಕು. ಒಂದು ಲೀಟರ್ ಉರಿದರೆ ಸುಮಾರು 2.3 ಕಿಲೋ ಇಂಗಾಲದ ಡೈಆಕ್ಸೈಡ್. ಅಂದರೆ ಒಂದು ಓಡಾಟಕ್ಕೇ 15 ಕಿಲೋ, ಅರವಿಂದದ ಎರಡು ಆಪರೇಷನ್ನಿಗಿಂತ ಜಾಸ್ತಿ. ಇದು ವಾರಕ್ಕೆ ಮೂರು ಸಲ, ವರ್ಷವಿಡೀ. ಪೆರ್ಲದಿಂದಲೋ ಮುಳ್ಳೇರಿಯದಿಂದಲೋ ಹೊರಡುವವರಿಗೆ ಇನ್ನಷ್ಟು. ಕಾರಿನ ಬಾಡಿಗೆ ವಿಮೆಯಲ್ಲಿ ಸಿಗುವುದಿಲ್ಲ, ಆಂಬುಲೆನ್ಸಿಗೆ ಮಾತ್ರ ಒಂದಿಷ್ಟು. ಹಾಗಾಗಿ ಈ ಹೊಗೆಯಾಗಲೀ ಈ ಖರ್ಚಾಗಲೀ ಯಾವ ಕಂಪನಿಯ ಪುಸ್ತಕದಲ್ಲೂ ಕಾಣುವುದಿಲ್ಲ. ಜಿಲ್ಲೆಯೊಳಗೆ ಡಯಾಲಿಸಿಸ್ ಕೇಂದ್ರಗಳು ಈಗ ಇವೆ. ಸ್ಲಾಟ್ ಸಿಗುತ್ತದಾ ಅಂತ ಮೊದಲು ಅಲ್ಲಿ ವಿಚಾರಿಸಿ ಅಂತ ನಾನು ಎಲ್ಲರಿಗೂ ಹೇಳುತ್ತೇನೆ.

ನೀರಿನ ಲೆಕ್ಕವೂ ಇದೆ. ನಾಲ್ಕು ಗಂಟೆಯ ಒಂದು ಡಯಾಲಿಸಿಸ್ಸಿಗೆ ಯಂತ್ರದೊಳಗೆ ಹರಿಯುವ ದ್ರಾವಣವೇ ಸುಮಾರು 120 ಲೀಟರ್. ಅಷ್ಟು ಶುದ್ಧ ನೀರು ಸಿಗಲು ಆರ್‌ಒ ಯಂತ್ರ ಅದಕ್ಕಿಂತ ಎಷ್ಟೋ ಹೆಚ್ಚು ನೀರು ಎಳೆದು, ಉಳಿದದ್ದನ್ನು ಚರಂಡಿಗೆ ಬಿಡುತ್ತದೆ. ಆ ಬಿಟ್ಟ ನೀರು ರೋಗಿಯನ್ನು ಮುಟ್ಟಿಯೇ ಇರುವುದಿಲ್ಲ. ಟಾಯ್ಲೆಟ್ಟಿಗೆ, ನೆಲ ಒರೆಸಲು ಧಾರಾಳವಾಗಿ ಆಗುತ್ತದೆ. ಗುಡ್ಡದ ಒಳಗೆ ಸುರಂಗ ಕೊರೆದು, ಬೆರಳಿನಷ್ಟು ದಪ್ಪದ ಧಾರೆಯನ್ನು ಮದಕಕ್ಕೆ, ಅಂದರೆ ಸಣ್ಣ ಕೆರೆಗೆ ತಿರುಗಿಸಿ, ಅದರಲ್ಲೇ ಮನೆಗೂ ತೋಟಕ್ಕೂ ಸಾಕು ಮಾಡಿಕೊಂಡ ಊರು ನಮ್ಮದು. ಬಾಯಾರು, ಎಣ್ಮಕಜೆ ಕಡೆ ಇವತ್ತಿಗೂ ಅದೇ ನೀರು ಕುಡಿಯುವ ಮನೆಗಳಿವೆ. ಆರ್‌ಒ ಬಿಟ್ಟ ನೀರನ್ನು ಪೈಪ್ ಹಾಕಿ ಹಿಡಿದಿಟ್ಟುಕೊಳ್ಳಿ ಅಂತ ನೆಟ್‌ವರ್ಕ್ ಆಸ್ಪತ್ರೆಯ ಒಪ್ಪಂದದಲ್ಲಿ ಒಂದು ಸಾಲು ಬರೆಯಲು ಕಂಪನಿಗೆ ಏನು ಖರ್ಚು?

ಮನೆಯಲ್ಲೇ ಮಾಡಿಕೊಳ್ಳುವ ಪೆರಿಟೋನಿಯಲ್ ಡಯಾಲಿಸಿಸ್ ಇನ್ನೊಂದು ದಾರಿ. ಹೊಟ್ಟೆಯೊಳಗೆ ಕೂರಿಸಿದ ಕೊಳವೆ ಮೂಲಕ ದ್ರಾವಣ ಬಿಟ್ಟು ತೆಗೆಯುವುದು. ಅದರಲ್ಲೂ ಪ್ಲಾಸ್ಟಿಕ್ ಚೀಲಗಳು ದಿನಕ್ಕೆ ಮೂರು ನಾಲ್ಕು ಖಾಲಿಯಾಗುತ್ತವೆ, ಅದು ಎಲ್ಲರಿಗೂ ಹೊಂದುವುದೂ ಇಲ್ಲ, ಡಾಕ್ಟ್ರೇ ತೀರ್ಮಾನ ಮಾಡಬೇಕು. ಆದರೆ ಹೊಂದುವವರಿಗೆ ಈ ವಾರಕ್ಕೆ ಮೂರು ಓಡಾಟ ಪೂರ್ತಿ ತಪ್ಪುತ್ತದೆ. ತೊಡಕು ಎಲ್ಲಿ ಅಂದರೆ, ಆಸ್ಪತ್ರೆಯ ಡಯಾಲಿಸಿಸ್ ಡೇ ಕೇರ್ ಪಟ್ಟಿಯಲ್ಲಿದೆ, ಮನೆಗೆ ಬರುವ ಚೀಲಗಳ ಬಿಲ್ಲು ಕಳಿಸಿದರೆ ತಕರಾರು ಶುರು. ಮನೆಯಲ್ಲಿ ಚಿಕಿತ್ಸೆ ಅನ್ನುವ ಷರತ್ತು ಇದೆಯಲ್ಲಾ ಅಂತ ನೀವು ಕೇಳಬಹುದು. ಅದು ಸಾಮಾನ್ಯವಾಗಿ ಸಿಗುವುದು ರೋಗಿಯನ್ನು ಸಾಗಿಸಲು ಆಗದ ಸ್ಥಿತಿಯಲ್ಲಿ ಅಥವಾ ಆಸ್ಪತ್ರೆಯಲ್ಲಿ ಬೆಡ್ ಇಲ್ಲದಾಗ, ಅದೂ ಮೂರು ದಿನಕ್ಕಿಂತ ಜಾಸ್ತಿ ಆದರೆ ಮಾತ್ರ.

ಇಷ್ಟು ಹೇಳಿ ಎಂಡೋಸಲ್ಫಾನ್ ಕೀಟನಾಶಕದ ಬಗ್ಗೆ ಹೇಳದಿದ್ದರೆ ಕಾಸರಗೋಡಿನಲ್ಲಿ ಕುಳಿತು ಬರೆದು ಪ್ರಯೋಜನವಿಲ್ಲ. ಎಪ್ಪತ್ತರ ದಶಕದ ಕೊನೆಯಿಂದ 2000ದವರೆಗೆ ಸರ್ಕಾರಿ ಪ್ಲಾಂಟೇಶನ್ ಕಾರ್ಪೊರೇಶನ್ನಿನ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ವಿಷ ಸುರಿದರು. ಅದು ತೋಡಿಗೆ ಬಂತು, ಬಾವಿಗೆ ಬಂತು. ಎಣ್ಮಕಜೆಯ ಪಡ್ರೆ, ಸ್ವರ್ಗದ ಕಡೆ ಒಂದೊಂದು ಮನೆಯಲ್ಲಿ ಒಂದೊಂದು ರೀತಿಯ ಕಾಯಿಲೆ. ಸುಪ್ರೀಂ ಕೋರ್ಟ್ ದೇಶದಲ್ಲೇ ಅದನ್ನು ನಿಲ್ಲಿಸಿದ್ದು 2011ರ ಮೇಯಲ್ಲಿ. ಸಂತ್ರಸ್ತರಿಗೆ ತಲಾ 5 ಲಕ್ಷ ರೂಪಾಯಿ ಕೊಡಿ ಅಂತ ರಾಜ್ಯ ಸರ್ಕಾರಕ್ಕೆ ಆದೇಶಿಸಿದ್ದು 2017ರ ಜನವರಿಯಲ್ಲಿ.

ವೈಕಲ್ಯದೊಂದಿಗೆ ಹುಟ್ಟಿದ ಅಲ್ಲಿನ ಮಕ್ಕಳಿಗೆ ಖಾಸಗಿ ಆರೋಗ್ಯ ವಿಮೆಯಿಂದ ಏನು ಸಿಕ್ಕಿತು? ಹುಟ್ಟಿನಿಂದ ಬಂದು ಹೊರಗೆ ಕಾಣುವ ವೈಕಲ್ಯಗಳಿಗೆ ಹಣ ಇಲ್ಲ ಅನ್ನುವ ಷರತ್ತು ಬಹುತೇಕ ಪಾಲಿಸಿಗಳಲ್ಲಿ ಇವತ್ತಿಗೂ ಇದೆ. ಅವರ ಭಾರ ಹೊತ್ತದ್ದು ಮನೆಯವರು, ಆಮೇಲೆ ಸರ್ಕಾರ. ವಿಷ ಸುರಿದದ್ದರ ಬಿಲ್ಲು ವಿಮಾ ಕಂಪನಿಗೆ ಬರಲೇ ಇಲ್ಲ. ಬಂದಿದ್ದರೆ ಅವರೂ ಆವತ್ತೇ ಎದ್ದು ಕೇಳುತ್ತಿದ್ದರು ಅಂತ ನನಗೆ ಬಲವಾಗಿ ಅನಿಸುತ್ತದೆ.

ಪಡ್ರೆಯಲ್ಲಿ ಏನೋ ಸರಿ ಇಲ್ಲ ಅಂತ ಮೊದಲು ಗುರುತಿಸಿದವರಲ್ಲಿ ಒಬ್ಬರು ವಾಣೀನಗರದಲ್ಲಿ ಪ್ರಾಕ್ಟೀಸ್ ಮಾಡುತ್ತಿದ್ದ ಡಾ. ವೈ. ಎಸ್. ಮೋಹನ ಕುಮಾರ್. ಒಂದೇ ಊರಿನಿಂದ ಇಷ್ಟು ಕಾಯಿಲೆ ಯಾಕೆ ಬರುತ್ತಿದೆ ಅಂತ ಹಳ್ಳಿಯ ಒಬ್ಬ ಡಾಕ್ಟ್ರು ತನ್ನ ರೋಗಿಗಳನ್ನು ನೋಡಿಯೇ ಕೇಳಿಕೊಂಡರು. ಇವತ್ತು ಒಂದೊಂದು ಕ್ಲೇಮಿನಲ್ಲೂ ರೋಗಕ್ಕೆ ಐಸಿಡಿ ಅನ್ನುವ ಅಂತರರಾಷ್ಟ್ರೀಯ ಕೋಡ್ ಇದೆ, ರೋಗಿಯ ಪಿನ್‌ಕೋಡ್ ಇದೆ, ವಯಸ್ಸು ಇದೆ. ಯಾವ ಪಿನ್‌ಕೋಡಿನಲ್ಲಿ ಕಿಡ್ನಿ ಕಾಯಿಲೆ ಏರುತ್ತಿದೆ, ಎಲ್ಲಿ ಮಕ್ಕಳಿಗೆ ಉಬ್ಬಸ ಜಾಸ್ತಿಯಾಗುತ್ತಿದೆ, ಯಾವ ಕಡೆ ಇಲಿಜ್ವರ ಮಳೆಗಿಂತ ಮೊದಲೇ ಶುರುವಾಗಿದೆ, ಇದೆಲ್ಲ ಕಂಪನಿಯ ಕಂಪ್ಯೂಟರಿನಲ್ಲೇ ಇದೆ. ಅದನ್ನು ಊರೂರಿನ ಪ್ರೀಮಿಯಂ ದರ ನಿಗದಿ ಮಾಡಲು ಬಳಸುತ್ತಾರೆ. ಹೆಸರು ತೆಗೆದು, ಬರೇ ಕೋಡು ಮತ್ತು ಸಂಖ್ಯೆಯನ್ನು ಜಿಲ್ಲಾ ಆರೋಗ್ಯ ಅಧಿಕಾರಿಗೆ, ಪಂಚಾಯತಿಗೆ ಮೂರು ತಿಂಗಳಿಗೊಮ್ಮೆ ಕೊಟ್ಟರೆ ಯಾರ ಗುಟ್ಟೂ ಹೊರಬರುವುದಿಲ್ಲ. ನೀರು ಪರೀಕ್ಷೆ ಎಲ್ಲಿ ಮಾಡಬೇಕು ಅನ್ನುವುದಾದರೂ ಗೊತ್ತಾಗುತ್ತದೆ. ವಿಮಾ ಉದ್ಯಮ ಪರಿಸರಕ್ಕಾಗಿ ಒಂದೇ ಒಂದು ಕೆಲಸ ಮಾಡುವುದಿದ್ದರೆ ಇದನ್ನು ಮಾಡಲಿ ಅನ್ನುವುದು ನನ್ನ ಬೇಡಿಕೆ.

ಕೇಳಲು ಆಧಾರವೂ ಇದೆ. ಪರಿಸರ, ಸಮಾಜ, ಆಡಳಿತದ ಬಗ್ಗೆ ನಿರ್ದೇಶಕ ಮಂಡಳಿ ಒಪ್ಪಿದ ಇಎಸ್‌ಜಿ ಚೌಕಟ್ಟು ಪ್ರತಿ ವಿಮಾ ಕಂಪನಿಯಲ್ಲೂ ಇರಬೇಕು ಅಂತ ಐಆರ್‌ಡಿಎಐನ 2024ರ ಆಡಳಿತ ನಿಯಮಗಳು ಹೇಳುತ್ತವೆ. ನಿಮ್ಮ ಪಾಲಿಸಿ ನವೀಕರಣಕ್ಕೆ ಬಂದಾಗ ಪ್ರೀಮಿಯಂ ಎಷ್ಟು ಅಂತ ಮಾತ್ರ ಕೇಳಬೇಡಿ. ಒ.ಪಿ. ಕವರ್ ಇದೆಯಾ, ಬಿಪಿ ಶುಗರಿಗೆ ಫೋನಿನಲ್ಲಿ ಡಾಕ್ಟರ ಸಲಹೆ ಸಿಗುತ್ತದಾ, ಮನೆಯ ಡಯಾಲಿಸಿಸ್ಸಿಗೆ ಹಣ ಕೊಡುತ್ತೀರಾ, ನಮ್ಮ ಪಿನ್‌ಕೋಡಿನ ರೋಗಗಳ ಲೆಕ್ಕ ಆರೋಗ್ಯ ಇಲಾಖೆಗೆ ಹೋಗುತ್ತದಾ ಅಂತ ಇಮೇಲಿನಲ್ಲೇ ಕೇಳಿ. ಏಜೆಂಟ್ ಬಾಯಲ್ಲಿ ಹೇಳಿದ್ದು ಕ್ಲೇಮಿನ ಹೊತ್ತಿಗೆ ನಿಲ್ಲುವುದಿಲ್ಲ, ನನ್ನದನ್ನೂ ಸೇರಿಸಿ ಹೇಳುತ್ತಿದ್ದೇನೆ. ಕವರ್ ಬಗ್ಗೆ ಕಂಪನಿ ಉತ್ತರ ಕೊಡದಿದ್ದರೆ ಅವರ ದೂರು ಅಧಿಕಾರಿಗೆ ಬರೆಯಿರಿ. ಎರಡು ವಾರದಲ್ಲಿ ಸರಿಯಾದ ಉತ್ತರ ಬಾರದಿದ್ದರೆ ಐಆರ್‌ಡಿಎಐನ ಬಿಮಾ ಭರೋಸಾ ಪೋರ್ಟಲಿನಲ್ಲಿ ದೂರು ದಾಖಲಿಸಬಹುದು. ಪಾಲಿಸಿ ನಂಬರ್ ಮತ್ತು ಮೊದಲು ಕಳಿಸಿದ ಇಮೇಲಿನ ಪ್ರತಿ ಎರಡನ್ನೂ ಜೊತೆಗೆ ಹಾಕಿ.