ನೆಲದಡಿಯ ನೀರಿಗೆ ನೀರಗಂಟಿ ಯಾರು? ಕೋಲಾರ ಇಟ್ಟುಕೊಂಡು ಅಂತರ್ಜಲದ ಪಾಠ

ಕೋಲಾರ ಜಿಲ್ಲೆಯ ಮಾಲೂರಿನ ಹತ್ತಿರ ನಮ್ಮ ತಾತನ ಹೊಲದಲ್ಲಿ ಒಂದು ತೆರೆದ ಬಾವಿ ಇದೆ. ಸುಮಾರು ನಲವತ್ತು ಅಡಿ ಆಳ. ಎತ್ತು ಕಟ್ಟಿ ಕಪಿಲೆ ಹೊಡೆದು ನೀರೆತ್ತುತ್ತಿದ್ದರಂತೆ. ಈಗ ಅದರೊಳಗೆ ಮುಳ್ಳುಕಂಟಿ ಬೆಳೆದಿದೆ. ಅದೇ ಹೊಲದಲ್ಲಿ ಅಪ್ಪ ಕೊರೆಸಿದ ಮೂರನೇ ಕೊಳವೆಬಾವಿ 1,100 ಅಡಿ ಹೋಯಿತು. ಬಂದದ್ದು ಬರೀ ಕಲ್ಲಿನ ಪುಡಿ. ನಲವತ್ತು ಅಡಿಗೆ ಸಿಗುತ್ತಿದ್ದ ನೀರು ಸಾವಿರ ಅಡಿಗೂ ಯಾಕೆ ಸಿಗಲಿಲ್ಲ? ಈ ಪ್ರಶ್ನೆ ಹಿಡಿದು ಹೊರಟರೆ ಅಂತರ್ಜಲ ನಿರ್ವಹಣೆಯ ಪಾಠ ಹೆಚ್ಚುಕಡಿಮೆ ಪೂರ್ತಿ ಅರ್ಥವಾಗುತ್ತದೆ. ಹಾಗಾಗಿ ಟಿಪ್ಪಣಿಯನ್ನು ಇಲ್ಲಿಂದಲೇ ಶುರು ಮಾಡುತ್ತೇನೆ.

ಮೊದಲು ಕಲ್ಲಿನ ವಿಷಯ

ಕೋಲಾರದ ನೆಲದಡಿ ಇರುವುದು ಗ್ರಾನೈಟ್ ಮತ್ತು ನೈಸ್ ಬಂಡೆ. ಗಂಗಾ ಬಯಲಿನ ಮರಳು ಪದರದ ಹಾಗೆ ಇದು ನೀರು ಹಿಡಿದಿಡುವುದಿಲ್ಲ. ಮೇಲಿನ ಒಂದಿಷ್ಟು ಮೀಟರ್ ಬಂಡೆ ಮಾತ್ರ ಮಳೆ ಬಿಸಿಲಿಗೆ ಸಿಕ್ಕಿ ಶಿಥಿಲವಾಗಿದೆ. ನಿಜವಾದ ಉಗ್ರಾಣ ಅದೇ. ಅಲ್ಲೂ ನೂರು ಲೀಟರ್ ಗಾತ್ರದ ಶಿಥಿಲ ಕಲ್ಲಿನಿಂದ ಹೊರಬರುವುದು ಒಂದೆರಡು ಲೀಟರ್ ನೀರು. ಇದಕ್ಕೆ ವಿಶಿಷ್ಟ ಇಳುವರಿ ಎನ್ನುತ್ತಾರೆ. ಅದರ ಕೆಳಗೆ ಗಟ್ಟಿ ಬಂಡೆ, ಅಲ್ಲಲ್ಲಿ ಬಿರುಕು. ಆ ಬಿರುಕುಗಳು ನೀರು ಹರಿಯುವ ದಾರಿಗಳು, ನೀರು ಕೂಡಿಡುವ ಜಾಗಗಳಲ್ಲ. ಆಳಕ್ಕೆ ಹೋದಷ್ಟೂ ಬಿರುಕು ಸಾಮಾನ್ಯವಾಗಿ ಕಡಿಮೆಯಾಗುತ್ತದೆ.

ಅಂದರೆ ತಾತನ ಬಾವಿ ಇದ್ದದ್ದು ಉಗ್ರಾಣದಲ್ಲೇ. ಅದು ಖಾಲಿಯಾದ ಮೇಲೆ ನಾವು ಬಿರುಕುಗಳನ್ನು ಹುಡುಕಿಕೊಂಡು ಕೆಳಗಿಳಿದೆವು. ಆಳದ ನೀರಿಗೆ ಇನ್ನೊಂದು ತೊಂದರೆಯೂ ಇದೆ. ಅದು ಬಂಡೆಯ ಜೊತೆ ತುಂಬಾ ಕಾಲ ಇದ್ದು ಫ್ಲೋರೈಡ್ ಕರಗಿಸಿಕೊಂಡಿರುತ್ತದೆ. ಕುಡಿಯುವ ನೀರಿನಲ್ಲಿ ಲೀಟರಿಗೆ 1.5 ಮಿಲಿಗ್ರಾಂ ಫ್ಲೋರೈಡ್ ದಾಟಬಾರದು. ಕೋಲಾರದ ಎಷ್ಟೋ ಕೊಳವೆಬಾವಿಗಳಲ್ಲಿ ಈ ಮಿತಿ ದಾಟಿದೆ. ಮಕ್ಕಳ ಹಲ್ಲಿನ ಮೇಲೆ ಕಂದು ಕಲೆ ಬೀಳುವುದು ಇದರಿಂದಲೇ.

ಒಂದು ಎಕರೆಯ ಲೆಕ್ಕ

ಈ ಭಾಗವನ್ನು ಸುಮ್ನೆ ಓದಬೇಡಿ, ಪೆನ್ನು ಹಿಡಿದು ಮಾಡಿ. ಒಂದು ಎಕರೆ ಎಂದರೆ 4,047 ಚದರ ಮೀಟರ್. ಅದರ ಮೇಲೆ 1 ಮಿ.ಮೀ. ಮಳೆ ಬಿದ್ದರೆ ಸುಮಾರು 4,000 ಲೀಟರ್ ನೀರು. ವರ್ಷಕ್ಕೆ 700 ಮಿ.ಮೀ. ಮಳೆ ಎಂದಿಟ್ಟುಕೊಳ್ಳಿ. ಎಕರೆಗೆ 28 ಲಕ್ಷ ಲೀಟರ್ ಆಯಿತು. ತುಂಬಾ ಜಾಸ್ತಿ ಅನಿಸುತ್ತದೆ, ಅಲ್ವಾ? ಆದರೆ ಬಹುಪಾಲು ಆವಿಯಾಗುತ್ತದೆ, ಗಿಡಮರ ಕುಡಿಯುತ್ತವೆ, ಒಂದಿಷ್ಟು ಹರಿದು ಹೋಗುತ್ತದೆ. ಇಂಥ ಕಲ್ಲುನೆಲದಲ್ಲಿ ಕೆಳಗಿಳಿಯುವುದು ನೂರಕ್ಕೆ ಹತ್ತು ಭಾಗ ಎಂದುಕೊಳ್ಳೋಣ. ಅಂದರೆ 70 ಮಿ.ಮೀ., ಅಥವಾ 2.8 ಲಕ್ಷ ಲೀಟರ್.

ಇನ್ನು ಖರ್ಚಿನ ಕಡೆ ನೋಡೋಣ. ಒಂದು ಟೊಮೆಟೊ ಬೆಳೆಗೆ ಸುಮಾರು 500 ಮಿ.ಮೀ. ನೀರು ಬೇಕು. ಪೂರ್ತಿ ಬೋರಿನ ನೀರಲ್ಲೇ ಬೆಳೆದರೆ ಎಕರೆಗೆ 20 ಲಕ್ಷ ಲೀಟರ್. ಅಂದರೆ ಒಂದು ಎಕರೆ ಟೊಮೆಟೊ ಏಳು ಎಕರೆಯಲ್ಲಿ ಇಂಗಿದ ನೀರನ್ನು ಕುಡಿಯುತ್ತದೆ. ವರ್ಷಕ್ಕೆ ಎರಡು ಬೆಳೆ ತೆಗೆದರೆ ಹದಿನಾಲ್ಕು ಎಕರೆ. ಭತ್ತವಾದರೆ ಒಂದೇ ಬೆಳೆಗೆ ಇನ್ನೂ ಜಾಸ್ತಿ. ಹಾಯಿಸಿದ ನೀರಲ್ಲಿ ಸ್ವಲ್ಪ ಮತ್ತೆ ಇಂಗುತ್ತದೆ ನಿಜ, ಆದರೆ ಅಷ್ಟರಿಂದ ಲೆಕ್ಕ ಸರಿದೂಗುವುದಿಲ್ಲ.

ಇನ್ನೊಂದು ವಿಷಯ. ವಿಶಿಷ್ಟ ಇಳುವರಿ ಶೇ 2 ಇದ್ದರೆ, 70 ಮಿ.ಮೀ. ನೀರು ಇಂಗಿದಾಗ ಬಾವಿಯ ಮಟ್ಟ ಮೂರೂವರೆ ಮೀಟರ್ ಮೇಲೇರುತ್ತದೆ. ಅಷ್ಟನ್ನೇ ಎತ್ತಿದರೆ ಮೂರೂವರೆ ಮೀಟರ್ ಇಳಿಯುತ್ತದೆ. ಒಳ್ಳೆ ಮಳೆಗೆ ಬಾವಿ ತಟ್ಟನೆ ತುಂಬಿ, ಎರಡು ಬೇಸಿಗೆಗೆ ಬತ್ತುವುದು ಇದಕ್ಕೇ. ಒಂದು ವರ್ಷ ತುಂಬಿದ ಬಾವಿ ನೋಡಿ ನೀರು ವಾಪಸ್ ಬಂತು ಎಂದುಕೊಳ್ಳಬಾರದು.

ಸರ್ಕಾರ ಮಾಡುವುದೂ ಇದೇ ಲೆಕ್ಕ. ತೆಗೆಯುತ್ತಿರುವ ನೀರನ್ನು, ತೆಗೆಯಬಹುದಾದ ನೀರಿನಿಂದ ಭಾಗಿಸಿ ನೂರರಿಂದ ಗುಣಿಸುತ್ತಾರೆ. ಶೇ 70ರವರೆಗೆ ಸುರಕ್ಷಿತ, 90ರವರೆಗೆ ಅರೆ ಕ್ಲಿಷ್ಟಕರ, 100ರವರೆಗೆ ಕ್ಲಿಷ್ಟಕರ, ಅದರ ಮೇಲೆ ಅತಿ ಬಳಕೆ. 2023ರ ಅಂದಾಜಿನಲ್ಲಿ ಇಡೀ ದೇಶದಲ್ಲಿ ತೆಗೆಯಬಹುದಾದದ್ದು 407 ಶತಕೋಟಿ ಘನ ಮೀಟರ್, ತೆಗೆದದ್ದು 241. ಅಂದರೆ ಸುಮಾರು ಶೇ 59. ದೇಶ ಸುರಕ್ಷಿತ! ಆದರೆ ಈ ಸರಾಸರಿಯನ್ನು ನಂಬಿ ಉತ್ತರ ಬರೆಯಬೇಡಿ. ಬ್ರಹ್ಮಪುತ್ರದ ದಡದ ನೀರು ಮುಳಬಾಗಿಲಿಗೆ ಬರುವುದಿಲ್ಲ. ಅದೇ ಅಂದಾಜಿನಲ್ಲಿ 6,553 ಘಟಕಗಳ (ತಾಲ್ಲೂಕು, ಬ್ಲಾಕ್‌ನಂಥ ಲೆಕ್ಕದ ಪ್ರದೇಶಗಳ) ಪೈಕಿ 736 ಅತಿ ಬಳಕೆಯ ಗುಂಪಿನಲ್ಲಿದ್ದವು. ಕೋಲಾರ ಜಿಲ್ಲೆ ಎಷ್ಟೋ ವರ್ಷಗಳಿಂದ ಈ ಗುಂಪಿನಲ್ಲೇ ಇದೆ. ದೇಶದಲ್ಲಿ ಎತ್ತಿದ ನೀರಲ್ಲಿ ಶೇ 87ರಷ್ಟು ಹೋಗುವುದು ಬೇಸಾಯಕ್ಕೆ. ಹಾಗಾಗಿ ನಲ್ಲಿ ಬಿಗಿಯಾಗಿ ತಿರುಗಿಸಿ ಎಂಬ ಉಪದೇಶದಿಂದ ಈ ಸಮಸ್ಯೆ ಬಗೆಹರಿಯುವುದಿಲ್ಲ. ಯಾವ ಬೆಳೆ, ಎಷ್ಟು ಎಕರೆ ಎಂಬುದೇ ಮುಖ್ಯ ಪ್ರಶ್ನೆ.

ನೀರು ಯಾರದ್ದು?

ಕೆರೆ ನೀರಿಗೆ ಒಂದು ವ್ಯವಸ್ಥೆ ಇತ್ತು. ತೂಬು ಎತ್ತಿ ನೀರು ಬಿಡುವವನು ನೀರಗಂಟಿ. ಅಚ್ಚುಕಟ್ಟಿನಲ್ಲಿ, ಅಂದರೆ ಕೆರೆ ನೀರು ಹಾಯುವ ಬಯಲಿನಲ್ಲಿ, ಯಾವ ಗದ್ದೆಗೆ ಯಾವಾಗ ಎಂದು ಅವನೇ ನೋಡಿಕೊಳ್ಳುತ್ತಿದ್ದ. ಸುಗ್ಗಿಯಲ್ಲಿ ಅವನಿಗೆ ಕಾಳಿನ ಪಾಲು ಸಲ್ಲುತ್ತಿತ್ತು. ಕೆರೆ ಅರ್ಧ ತುಂಬಿದ ವರ್ಷ ಅಚ್ಚುಕಟ್ಟಿನ ಒಂದು ಭಾಗಕ್ಕೆ ಮಾತ್ರ ನೀರು. ಆ ಊರಿನಲ್ಲಿ ಮೇಲುಕೀಳು ಇರಲಿಲ್ಲ ಎಂದು ನಾನು ಹೇಳುತ್ತಿಲ್ಲ. ಬಲವಿದ್ದವರಿಗೆ ಮೊದಲು ನೀರು ಹೋದದ್ದೂ ಉಂಟು. ಆದರೆ ನೀರು ಎಷ್ಟಿದೆ ಎಂದು ಎಲ್ಲರ ಕಣ್ಣಿಗೂ ಕಾಣುತ್ತಿತ್ತು. ಹಂಚಲು ಒಬ್ಬ ಮನುಷ್ಯ ಇದ್ದ.

ಬೋರ್‌ವೆಲ್ ಬಂದಾಗ ಪ್ರತಿಯೊಬ್ಬರ ಹೊಲದಲ್ಲೂ ಒಂದೊಂದು ಸ್ವಿಚ್ ಬಂತು. ಕೆಳಗಿನ ನೀರು ಮಾತ್ರ ಒಂದೇ. ಪಕ್ಕದವರ ಬೋರ್ ಓಡಿದರೆ ನಮ್ಮದು ಬತ್ತುತ್ತದೆ. ಕಾನೂನು ಈ ಹಂಚಿಕೆಯನ್ನು ನೋಡಲೇ ಇಲ್ಲ. 1882ರ ಈಸ್‌ಮೆಂಟ್ ಕಾಯ್ದೆಯ ಪ್ರಕಾರ, ಗೊತ್ತಾದ ಕಾಲುವೆಯಲ್ಲಿ ಹರಿಯದ ನೆಲದಡಿಯ ನೀರನ್ನು ಆ ಜಮೀನಿನ ಒಡೆಯ ತನ್ನ ಗಡಿಯೊಳಗೆ ತೆಗೆದುಕೊಳ್ಳಬಹುದು. ಜಮೀನು ಇಲ್ಲದವರಿಗೆ ಇದರಲ್ಲಿ ಜಾಗವೇ ಇಲ್ಲ. ಎರಡು ಗುಂಟೆ ಇದ್ದವರೂ ಎಷ್ಟು ಬೇಕಾದರೂ ಎತ್ತಬಹುದು.

ಆಮೇಲೆ ಬಂದ ಕಾನೂನುಗಳು ಇದರ ಮೇಲೆ ಕಟ್ಟಿದ ಬೇಲಿಗಳು. ಕರ್ನಾಟಕದ 1999ರ ಕಾಯ್ದೆಯಂತೆ ಸಾರ್ವಜನಿಕ ಕುಡಿಯುವ ನೀರಿನ ಬಾವಿಯಿಂದ 500 ಮೀಟರ್ ಒಳಗೆ ಅನುಮತಿ ಇಲ್ಲದೆ ಬಾವಿ ತೋಡುವಂತಿಲ್ಲ. 2011ರ ಅಂತರ್ಜಲ ಕಾಯ್ದೆ ಅಧಿಸೂಚಿತ ಪ್ರದೇಶಗಳಲ್ಲಿ ಕೊರೆಯಲು ಅನುಮತಿ, ಬಾವಿಗಳ ನೋಂದಣಿ ಎರಡನ್ನೂ ತಂದಿತು. ಸುಪ್ರೀಂ ಕೋರ್ಟ್ ಆದೇಶದ ನಂತರ 1997ರಲ್ಲಿ ಕೇಂದ್ರ ಅಂತರ್ಜಲ ಪ್ರಾಧಿಕಾರ ಹುಟ್ಟಿತು. ನನಗೆ ಕಾಣುವ ಕೊರತೆ ಇದು: ಅನುಮತಿ ಪತ್ರ ತೂತುಗಳನ್ನು ಎಣಿಸುತ್ತದೆ, ನೀರನ್ನು ಎಣಿಸುವುದಿಲ್ಲ. ಅತ್ತ 10 ಎಚ್‌ಪಿವರೆಗಿನ ಪಂಪ್‌ಸೆಟ್‌ಗೆ ಉಚಿತ ವಿದ್ಯುತ್ ಇದೆ. ಕರೆಂಟ್ ಯಾವಾಗ ಬರುತ್ತದೋ ಗೊತ್ತಿಲ್ಲ ಎಂದು ರೈತರು ಆಟೋ ಸ್ಟಾರ್ಟರ್ ಹಾಕಿಸುತ್ತಾರೆ. ಕರೆಂಟ್ ಬಂದ ತಕ್ಷಣ ಊರಿನ ಎಲ್ಲ ಮೋಟರೂ ಒಟ್ಟಿಗೆ ಓಡುತ್ತವೆ. ಇದಕ್ಕೆ ರೈತರನ್ನು ಬೈಯುವುದು ಸರಿಯಲ್ಲ. ನಾನು ಬಿಟ್ಟ ನೀರನ್ನು ಪಕ್ಕದವರು ಎತ್ತುತ್ತಾರೆ ಎಂದು ಗೊತ್ತಿರುವಾಗ ಯಾರು ತಾನೇ ಬಿಡುತ್ತಾರೆ?

ಕಟ್ಟುಪಾಡು ಎಲ್ಲಿ ನಡೆದಿದೆ?

ಎರಡು ಉದಾಹರಣೆ ನೆನಪಿಟ್ಟುಕೊಳ್ಳಿ. ಪಂಜಾಬ್ 2009ರಲ್ಲಿ ಒಂದು ಕಾಯ್ದೆ ತಂದಿತು. ಆಗಿನ ನಿಯಮದಂತೆ ಜೂನ್ 10ಕ್ಕೆ ಮೊದಲು ಭತ್ತ ನಾಟಿ ಮಾಡುವಂತಿರಲಿಲ್ಲ. ಬಾವಿ ಎಣಿಸುವ ಗೋಜಿಲ್ಲ, ಗದ್ದೆ ನೋಡಿದರೆ ಸಾಕು. ಉರಿಬಿಸಿಲಲ್ಲಿ ಆವಿಯಾಗುವ ನೀರು ಉಳಿಯುತ್ತದೆ. ಆದರೆ ಕೊಯ್ಲು ತಡವಾಗಿ, ಗೋಧಿ ಬಿತ್ತನೆಗೆ ಸಮಯ ಕಡಿಮೆಯಾಯಿತು. ಗದ್ದೆ ಬೇಗ ತೆರವು ಮಾಡಲು ಭತ್ತದ ಕೂಳೆ ಸುಡುವುದು ಚಳಿಗಾಲದ ಹೊಗೆಯ ಜೊತೆ ಸೇರಿಕೊಂಡಿತು. ನೀರಿನ ನಿಯಮ ಗಾಳಿಯನ್ನೂ ಮುಟ್ಟುತ್ತದೆ ಎಂಬುದಕ್ಕೆ ಇದು ಒಳ್ಳೆ ಉದಾಹರಣೆ.

ಇನ್ನೊಂದು ಮಹಾರಾಷ್ಟ್ರದ ಹಿವರೆ ಬಜಾರ್. ನಮಗಿಂತ ಕಡಿಮೆ ಮಳೆಯ ಊರು. ಪೋಪಟರಾವ್ ಪವಾರ್ ಸರಪಂಚರಾದ ಮೇಲೆ ಊರಿನವರು ಗುಡ್ಡದಲ್ಲಿ ಬದು, ಗುಂಡಿ ಮಾಡಿ ನೀರು ಇಂಗಿಸಿದರು. ಇಷ್ಟನ್ನು ಬೇರೆ ಊರುಗಳೂ ಮಾಡಿವೆ. ಹಿವರೆ ಬಜಾರ್ ಇನ್ನೊಂದು ಹೆಜ್ಜೆ ಇಟ್ಟಿತು. ಬೇಸಾಯಕ್ಕೆ ಕೊಳವೆಬಾವಿ ಬೇಡ, ಕಬ್ಬು ಬಾಳೆ ಬೇಡ ಎಂದು ತೀರ್ಮಾನಿಸಿತು. ಪ್ರತಿ ವರ್ಷ ಮಳೆ ಅಳೆದು, ಬಾವಿ ನೋಡಿ, ಗ್ರಾಮಸಭೆಯಲ್ಲಿ ನೀರಿನ ಆಯವ್ಯಯ ಮಂಡಿಸುತ್ತಾರೆ. ಮೊದಲು ಕುಡಿಯಲು, ದನಕರುಗಳಿಗೆ. ಉಳಿದದ್ದಕ್ಕೆ ತಕ್ಕ ಬೆಳೆ. ಊರಿಗೆ ಊರೇ ನೀರಗಂಟಿ ಆದ ಹಾಗೆ.

2019ರಲ್ಲಿ ಶುರುವಾದ ಅಟಲ್ ಭೂಜಲ ಯೋಜನೆ ಇದೇ ಕ್ರಮವನ್ನು ಕರ್ನಾಟಕವೂ ಸೇರಿ ಏಳು ರಾಜ್ಯಗಳ ಪಂಚಾಯಿತಿಗಳಿಗೆ ತರಲು ಹೊರಟಿತು. ಆಯವ್ಯಯದ ಹಾಳೆ ತುಂಬುವುದು ಸುಲಭ. ಅದನ್ನು ನೋಡಿ ಬೆಳೆ ಬದಲಿಸಲು ಟೊಮೆಟೊದಷ್ಟೇ ಧೈರ್ಯ ಕೊಡುವ ಬೆಲೆ ರಾಗಿಗೂ ಸಿಗಬೇಕು. ಹನಿ ನೀರಾವರಿಯಲ್ಲೂ ಇದೇ ಎಚ್ಚರ ಬೇಕು. ಎಕರೆಗೆ ಉಳಿದ ನೀರಲ್ಲಿ ಇನ್ನೊಂದು ಎಕರೆ ನೆಟ್ಟರೆ ಒಟ್ಟು ಬಳಕೆ ಇಳಿಯುವುದೇ ಇಲ್ಲ.

ಕೋಲಾರಕ್ಕೆ ವಾಪಸ್

2018ರಿಂದ ಬೆಂಗಳೂರಿನ ಕೋರಮಂಗಲ–ಚಲ್ಲಘಟ್ಟ ಕಣಿವೆಯ ಕೊಳಚೆ ನೀರನ್ನು ಎರಡು ಹಂತ ಶುದ್ಧೀಕರಿಸಿ ಕೋಲಾರದ ಕೆರೆಗಳಿಗೆ ಪಂಪ್ ಮಾಡುತ್ತಿದ್ದಾರೆ. ಕೆ.ಸಿ. ವ್ಯಾಲಿ ಎಂದರೆ ಇದೇ. ಯೋಜನೆಯ ಗುರಿ ದಿನಕ್ಕೆ 44 ಕೋಟಿ ಲೀಟರ್. ಒಂದು ಕೆರೆ ತುಂಬಿ ಕೋಡಿ ಬಿದ್ದರೆ ಕೆಳಗಿನ ಕೆರೆಗೆ ಹೋಗುತ್ತದೆ. ಹಿಂದಿನವರು ಕಟ್ಟಿದ ಕೆರೆ ಸರಣಿಯೇ ಇಲ್ಲೂ ದಾರಿ. ಸುತ್ತಲಿನ ಬಾವಿಗಳಿಗೆ ನೀರು ಬಂದದ್ದು ನಿಜ, ಆ ಸಂತೋಷ ಸಣ್ಣದಲ್ಲ. ಮೂರನೇ ಹಂತದ ಶುದ್ಧೀಕರಣ ಬೇಕು ಎಂಬ ಬೇಡಿಕೆಯೂ ನ್ಯಾಯವಾದದ್ದೇ, ಯಾಕೆಂದರೆ ಇಂಗಿದ್ದನ್ನು ಕುಡಿಯುವವರು ಅದೇ ಊರಿನವರು. ಆದರೆ ಕೆರೆ ಪಕ್ಕದಲ್ಲಿ ಹೊಸ ಬೋರ್‌ಗಳು ಎಷ್ಟು ಎತ್ತಬಹುದು ಎಂದು ಹೇಳುವವರು ಇನ್ನೂ ಯಾರೂ ಇಲ್ಲ.

ಅಭ್ಯಾಸಕ್ಕೆ: ಒಂದು ಊರಿಗೆ 1,000 ಎಕರೆ, ಮಳೆ 700 ಮಿ.ಮೀ., ಇಂಗುವುದು ಶೇ 10. ಕುಡಿಯಲು ಮತ್ತು ದನಕರುಗಳಿಗೆ ವರ್ಷಕ್ಕೆ 4 ಕೋಟಿ ಲೀಟರ್ ಮೊದಲೇ ತೆಗೆದಿಡಿ. ಉಳಿದದ್ದರಲ್ಲಿ ಎಷ್ಟು ಎಕರೆ ಟೊಮೆಟೊ, ಒಂದೇ ಬೆಳೆ, ಬೆಳೆಯಬಹುದು? ನನಗೆ ಬಂದದ್ದು ಸುಮಾರು 120 ಎಕರೆ. ಆ 120 ಎಕರೆ ಯಾರ ಹೊಲ ಎಂಬುದನ್ನು ಹೇಗೆ ತೀರ್ಮಾನಿಸುತ್ತೀರಿ ಎಂದೂ ಎರಡು ಸಾಲು ಬರೆಯಿರಿ.